ನಗು ಬೇಡವಾದ ಜಾಗ

ಹಾಸ್ಯ ಬರೆಯುವವರನ್ನು ಜನ ಸಾಮಾನ್ಯವಾಗಿ ಕೇಳುವುದು ಒಂದೇ ಪ್ರಶ್ನೆ: ಇಷ್ಟೊಂದು ನಗು ಎಲ್ಲಿಂದ ಹುಟ್ಟುತ್ತದೆ? ಟೆಲಿವಿಷನ್ನಿನ ಹಾಸ್ಯ ಧಾರಾವಾಹಿಗಳನ್ನು, ಅಂದರೆ ಸಿಟ್‌ಕಾಂಗಳನ್ನು, ಪ್ರೀತಿಯಿಂದ ನೋಡುವ ನನಗೆ ಅದಕ್ಕಿಂತ ದೊಡ್ಡದೆನಿಸುವ ಪ್ರಶ್ನೆ ಇನ್ನೊಂದಿದೆ: ನಗು ಎಲ್ಲಿ ನಿಲ್ಲಬೇಕು, ನಿಲ್ಲಿಸುವ ಅಧಿಕಾರ ಯಾರದು? ಮಾತಿಗೆ ಮಾತು ಹೆಣೆದು ನಗಿಸಬಲ್ಲವರು ಬಹಳ ಮಂದಿ ಇದ್ದಾರೆ. ಆದರೆ ಬರೆದ ಹಾಳೆ ಬರಹಗಾರನ ಕೈದಾಟಿದ ಮೇಲೆ ನಿರ್ದೇಶಕ, ಸಂಕಲನಕಾರ, ಧ್ವನಿ ಕೂಡಿಸುವವರು, ವಾಹಿನಿಯ ಅಧಿಕಾರಿಗಳು, ಜಾಹೀರಾತು ಕೊಡುವ ಕಂಪನಿ ಎಲ್ಲರೂ ಅದರ ಮೇಲೆ ಕೈಯಾಡಿಸುತ್ತಾರೆ. ಅಮೆರಿಕದ ಸಿಟ್‌ಕಾಂ ಬರಹಗಾರರಲ್ಲಿ ಒಳ್ಳೆಯವರು ನಿರ್ಮಾಪಕರೂ ಆಗಬೇಕೆಂದು ಹಟ ಹಿಡಿದದ್ದು ಇದೇ ಕಾರಣಕ್ಕೆ ಎಂದು ನನ್ನ ನಂಬಿಕೆ. ಅದನ್ನು ಬಡ್ತಿ ಎಂದೋ ಸಂಪಾದನೆಯ ದಾರಿ ಎಂದೋ ನೋಡಿದರೆ ಅರ್ಧ ಮಾತ್ರ ಕಂಡಂತೆ. ತಾನು ಬರೆದ ಮೌನ ಪರದೆಯ ತನಕ ಮೌನವಾಗಿಯೇ ತಲುಪಬೇಕಾದರೆ ನಿರ್ಮಾಪಕನ ಕುರ್ಚಿಯಲ್ಲಿ ತಾನೇ ಕೂತಿರಬೇಕು. ಲ್ಯಾರಿ ಗೆಲ್ಬಾರ್ಟ್ ಅವರ ವೃತ್ತಿಜೀವನ ಈ ಮಾತಿಗೆ ನಾನು ಕೊಡಬಲ್ಲ ಅತ್ಯುತ್ತಮ ಸಾಕ್ಷಿ.

ಗೆಲ್ಬಾರ್ಟ್ ಹುಟ್ಟಿದ್ದು 1928ರಲ್ಲಿ, ಶಿಕಾಗೋದಲ್ಲಿ, ಯುರೋಪಿನಿಂದ ವಲಸೆ ಬಂದ ಯಹೂದಿ ಮನೆತನದಲ್ಲಿ. ತಂದೆ ಕ್ಷೌರಿಕರು. ಸಂಸಾರ ಲಾಸ್ ಏಂಜಲೀಸಿಗೆ ಬಂದ ಮೇಲೆ ಅವರ ಗಿರಾಕಿಗಳಲ್ಲಿ ಹಾಸ್ಯನಟ ಡ್ಯಾನಿ ಥಾಮಸ್ ಕೂಡ ಇದ್ದರು. ನಗಿಸುವ ಮಗನೊಬ್ಬ ತನಗಿದ್ದಾನೆಂದು ತಂದೆ ಅವರ ಕಿವಿಗೆ ಹಾಕಿದ್ದರಿಂದ ಹೈಸ್ಕೂಲಿನ ವಯಸ್ಸಿನಲ್ಲೇ ಹುಡುಗನಿಗೆ ರೇಡಿಯೋಗೆ ಬರೆಯುವ ಕೆಲಸ ಸಿಕ್ಕಿತು. ಆಮೇಲೆ ಬಾಬ್ ಹೋಪ್ ಅವರಿಗೆ ಬರೆದರು. ಯುದ್ಧದ ದಿನಗಳಲ್ಲಿ ಸೈನಿಕರನ್ನು ರಂಜಿಸಲು ಹೋದ ಹೋಪ್ ತಂಡದ ಜೊತೆ ಕೊರಿಯಾಕ್ಕೂ ಹೋಗಿ ಬಂದರು. 1950ರ ದಶಕದಲ್ಲಿ ಸಿಡ್ ಸೀಸರ್ ಅವರ ‘ಸೀಸರ್ಸ್ ಅವರ್’ ಕಾರ್ಯಕ್ರಮಕ್ಕೆ ಬರೆಯುವಾಗ ಮೆಲ್ ಬ್ರೂಕ್ಸ್, ನೀಲ್ ಸೈಮನ್, ಕಾರ್ಲ್ ರೈನರ್ ಅವರಂಥವರು ಅದೇ ಕೋಣೆಯಲ್ಲಿದ್ದರು. 1962ರಲ್ಲಿ ರೋಮನ್ ನಾಟಕಕಾರ ಪ್ಲಾಟಸ್‌ನ ಪ್ರಹಸನಗಳಿಂದ ಬರ್ಟ್ ಶೆವೆಲವ್ ಜೊತೆ ಸೇರಿ ಕಟ್ಟಿದ ನಾಟಕ ಬ್ರಾಡ್‌ವೇಯಲ್ಲಿ ಗೆದ್ದಿತು. ಇದನ್ನೆಲ್ಲ ಹೇಳುವುದು ಒಂದು ಕಾರಣಕ್ಕೆ. ರೇಡಿಯೋದಲ್ಲಿ ನಾಲ್ಕು ಕ್ಷಣ ಸದ್ದಿಲ್ಲದಿದ್ದರೆ ಕೇಳುಗ ಸ್ಟೇಷನ್ ಬದಲಾಯಿಸುತ್ತಾನೆ. ಅಲ್ಲಿ ಪಳಗಿದವರಿಗೆ ಸಾಲಿಗೊಂದು ನಗು ಇಡುವುದು ಉಸಿರಾಟದಷ್ಟೇ ಸಲೀಸು. ಮುಂದೆ ಗೆಲ್ಬಾರ್ಟ್ ಎಲ್ಲೆಲ್ಲಿ ನಗುವನ್ನು ತಡೆದರೋ ಅಲ್ಲೆಲ್ಲ ಬೇಕಾದರೆ ಹತ್ತು ನಗು ತುಂಬುವ ಶಕ್ತಿ ಅವರಿಗಿತ್ತು. ಕೈಯಲ್ಲಿರುವುದನ್ನು ಬಳಸದೆ ಇಟ್ಟುಕೊಂಡಾಗಲೇ ಅದು ಸಂಯಮ. ಇಲ್ಲದವನು ಸುಮ್ಮನಿದ್ದರೆ ಅದಕ್ಕೆ ಆ ಹೆಸರು ಸಲ್ಲದು.

ಅವರ ಹೆಸರು ನಿಂತಿರುವುದು ‘ಮ್ಯಾಷ್’ ಧಾರಾವಾಹಿಯ ಮೇಲೆ. ಕೊರಿಯಾ ಯುದ್ಧದಲ್ಲಿ ಶಸ್ತ್ರವೈದ್ಯನಾಗಿದ್ದವರೊಬ್ಬರು ರಿಚರ್ಡ್ ಹೂಕರ್ ಎಂಬ ಹೆಸರಿನಲ್ಲಿ ಬರೆದ ಕಾದಂಬರಿ 1968ರಲ್ಲಿ ಬಂತು. 1970ರಲ್ಲಿ ರಾಬರ್ಟ್ ಆಲ್ಟ್‌ಮನ್ ಅದನ್ನು ಸಿನಿಮಾ ಮಾಡಿದರು. ಅದನ್ನು ಟೆಲಿವಿಷನ್ನಿಗೆ ತರಲು ಹೊರಟ ನಿರ್ಮಾಪಕ ಜೀನ್ ರೆನಾಲ್ಡ್ಸ್ ಆಗ ಲಂಡನ್ನಿನಲ್ಲಿ ನೆಲೆಸಿದ್ದ ಗೆಲ್ಬಾರ್ಟ್ ಅವರಿಂದ ಮೊದಲ ಕಂತನ್ನು ಬರೆಸಿದರು. 1972ರ ಸೆಪ್ಟೆಂಬರಿನಲ್ಲಿ ಸಿಬಿಎಸ್ ವಾಹಿನಿಯಲ್ಲಿ ಪ್ರಸಾರ ಶುರುವಾಯಿತು. ಯುದ್ಧಭೂಮಿಯ ಹತ್ತಿರ ಡೇರೆಗಳಲ್ಲಿ ನಡೆಯುವ ಒಂದು ಸೇನಾ ಆಸ್ಪತ್ರೆ, ಬಲವಂತವಾಗಿ ಸೇನೆಗೆ ಸೇರಿಸಲ್ಪಟ್ಟ ಡಾಕ್ಟರುಗಳು, ಹೆಲಿಕಾಪ್ಟರಿನಲ್ಲಿ ಬಂದಿಳಿಯುವ ಗಾಯಾಳುಗಳು. ಕಥೆ ಕೊರಿಯಾದ್ದಾದರೂ ನೋಡುವವರ ಮಕ್ಕಳು, ಅಣ್ಣತಮ್ಮಂದಿರು ಆಗ ವಿಯೆಟ್ನಾಮಿನಲ್ಲಿದ್ದರು ಅಥವಾ ಅಲ್ಲಿಂದ ಮರಳಿದ್ದರು. ಇಂಥದ್ದಕ್ಕೂ ಧ್ವನಿಮುದ್ರಿತ ನಗು ಬೇಕೇ ಬೇಕೆಂದು ವಾಹಿನಿ ಪಟ್ಟು ಹಿಡಿಯಿತು. ಚಾರ್ಲಿ ಡಗ್ಲಸ್ ಎಂಬ ಧ್ವನಿ ಎಂಜಿನಿಯರ್ 1950ರ ದಶಕದಲ್ಲಿ ರೂಪಿಸಿದ ನಗುವಿನ ಯಂತ್ರ ಅಷ್ಟು ಹೊತ್ತಿಗೆ ಅಮೆರಿಕದ ಹಾಸ್ಯ ಧಾರಾವಾಹಿಗಳ ತುಂಬ ಹರಡಿತ್ತು. ಗುಂಡಿ ಒತ್ತಿದರೆ ಕಿಸಕ್ಕೆನ್ನುವ ನಗು, ಇನ್ನೊಂದು ಒತ್ತಿದರೆ ಹೋ ಎನ್ನುವ ನಗು. ಗೆಲ್ಬಾರ್ಟ್ ಮತ್ತು ರೆನಾಲ್ಡ್ಸ್ ಅದನ್ನು ಪೂರ್ತಿ ತಡೆಯಲಾರದೆ ಹೋದರೂ ಒಂದು ಷರತ್ತನ್ನು ಗೆದ್ದುಕೊಂಡರು: ಆಪರೇಷನ್ ಥಿಯೇಟರಿನ ದೃಶ್ಯಗಳಲ್ಲಿ ನಗು ಕೂಡದು.

ಈ ಒಂದು ಷರತ್ತಿನ ಬೆಲೆ ಎಷ್ಟೆಂದು ತಿಳಿಯಲು ಕೇಳಿ ನೋಡುವುದೊಂದೇ ದಾರಿ. ನಾಯಕ ಹಾಕೈ ಪಿಯರ್ಸ್ ಬಾಯಿ ಮುಚ್ಚುವವನೇ ಅಲ್ಲ. ಡೇರೆಯಲ್ಲಿ ಅವನು ಆಡುವ ಒಂದೊಂದು ಚಟಾಕಿಗೂ ಯಂತ್ರದ ನಗು ಉತ್ತರ ಕೊಡುತ್ತದೆ. ಆಗ ಅವನು ವೇದಿಕೆಯ ಮೇಲೆ ನಿಂತ ವಿನೋದಗಾರನಂತೆ ಕಾಣುತ್ತಾನೆ, ಅವನಿಗೆ ಸಭೆಯಿದೆ, ಸಭೆಯ ಮೆಚ್ಚುಗೆಯಿದೆ. ಅದೇ ಮನುಷ್ಯ ಅದೇ ಬಗೆಯ ಮಾತನ್ನು ರಕ್ತಸಿಕ್ತ ಕೈಗವಸು ತೊಟ್ಟು ಆಡುವಾಗ ಸುತ್ತ ಏನೂ ಕೇಳಿಸುವುದಿಲ್ಲ. ಕತ್ತರಿ, ಇಕ್ಕಳ ತಟ್ಟೆಗೆ ತಾಗುವ ಸದ್ದು, ಹೊಲಿಗೆ ದಾರ ಕೇಳುವ ಧ್ವನಿ, ಅಷ್ಟೇ. ಅವನು ಮಾತಾಡುತ್ತಿರುವುದು ಹೆದರಿಕೆಯಿಂದ, ನಿಲ್ಲಿಸಿದರೆ ಕೈ ನಡುಗೀತೆಂಬ ಭಯದಿಂದ ಎಂದು ನಮಗೆ ಥಟ್ಟನೆ ಹೊಳೆಯುತ್ತದೆ. ಸ್ಕ್ರಿಪ್ಟಿನ ಒಂದಕ್ಷರವೂ ಬದಲಾಗದೆ ಪಾತ್ರ ಬದಲಾಗುತ್ತದೆ. ನಗುವಿನ ಟ್ರ್ಯಾಕ್ ಮಾಡುವ ಇನ್ನೊಂದು ಕೆಡುಕು ಕಾಲಕ್ಕೆ ಸಂಬಂಧಿಸಿದ್ದು. ನಗು ತುಂಬಲು ಮಾತುಗಳ ನಡುವೆ ಜಾಗ ಬಿಡಬೇಕು. ಆ ಜಾಗದಲ್ಲಿ ನಟರು ಸುಮ್ಮನೆ ಕಾಯಬೇಕು. ಥಿಯೇಟರಿನ ದೃಶ್ಯದಲ್ಲಿ ಆ ಕಾಯುವಿಕೆ ಇಲ್ಲ, ಮಾತಿನ ಮೇಲೆ ಮಾತು ಬೀಳುತ್ತದೆ, ಅರ್ಧ ಕೇಳಿಸದೆ ಹೋಗುತ್ತದೆ, ಅದೇ ನಿಜವಾದ ಕೆಲಸದ ಮನೆಯ ಸದ್ದು. ಬ್ರಿಟನ್ನಿನಲ್ಲಿ ಬಿಬಿಸಿ ಈ ಧಾರಾವಾಹಿಯನ್ನು ನಗುವೇ ಇಲ್ಲದೆ ಪ್ರಸಾರ ಮಾಡಿತು. ಆಮೇಲೆ ಡಿವಿಡಿಯಲ್ಲೂ ನಗುವನ್ನು ತೆಗೆದು ನೋಡುವ ಅನುಕೂಲ ಬಂತು. ಒಂದೇ ಕಂತನ್ನು ಎರಡು ಬಗೆಯಲ್ಲಿ ನೋಡುವ ಭಾಗ್ಯ ಬೇರೆ ಯಾವ ಹಾಸ್ಯಕೃತಿಯ ಪ್ರೇಮಿಗೂ ಇಷ್ಟು ಸುಲಭವಾಗಿ ದಕ್ಕಿಲ್ಲ. ಸಂಗೀತ ಕಛೇರಿಯಲ್ಲಿ ಮೃದಂಗದವರು ಒಂದು ಆವರ್ತ ಕೈ ತೆಗೆದಾಗ ಹಾಡಿನ ಮೈ ಹೇಗೆ ಕಾಣುತ್ತದೋ ಹಾಗೆ ನಗು ತೆಗೆದಾಗ ಬರವಣಿಗೆಯ ಮೈ ಕಾಣುತ್ತದೆ.

1975ರ ಮಾರ್ಚ್ 18ರಂದು ಪ್ರಸಾರವಾದ ‘ಅಬಿಸೀನಿಯಾ, ಹೆನ್ರಿ’ ಈ ಷರತ್ತಿನ ಪೂರ್ಣ ಫಲ. ಎವರೆಟ್ ಗ್ರೀನ್‌ಬಾಮ್ ಮತ್ತು ಜಿಮ್ ಫ್ರಿಟ್ಜೆಲ್ ಬರೆದರು, ಗೆಲ್ಬಾರ್ಟ್ ನಿರ್ದೇಶಿಸಿದರು. ಆಸ್ಪತ್ರೆಯ ಮುಖ್ಯಸ್ಥ ಹೆನ್ರಿ ಬ್ಲೇಕ್‌ಗೆ ಸೇನೆಯಿಂದ ಬಿಡುಗಡೆ ಸಿಗುತ್ತದೆ, ಅವನು ಊರಿಗೆ ಹೊರಡುತ್ತಾನೆ. ಕಂತಿನ ಬಹುಭಾಗ ಬೀಳ್ಕೊಡುಗೆಯ ತಮಾಷೆಯೇ. ಕೊನೆಯ ದೃಶ್ಯದ ಹಾಳೆಯನ್ನು ಗೆಲ್ಬಾರ್ಟ್ ಮುಚ್ಚಿಟ್ಟಿದ್ದರು. ಹಾಕೈ ಪಾತ್ರಧಾರಿ ಅಲನ್ ಆಲ್ಡಾ ಹೊರತು ಉಳಿದ ನಟರಿಗೆ ಅದು ಗೊತ್ತಾದದ್ದು ಚಿತ್ರೀಕರಣಕ್ಕೆ ತುಸು ಮುಂಚೆ. ಗುಮಾಸ್ತ ರೇಡಾರ್ ಮುಖಕ್ಕೆ ಬಟ್ಟೆ ಕಟ್ಟಿಕೊಳ್ಳದೆ ಆಪರೇಷನ್ ಥಿಯೇಟರಿಗೆ ಬಂದು, ಹೆನ್ರಿಯ ವಿಮಾನವನ್ನು ಜಪಾನ್ ಸಮುದ್ರದ ಮೇಲೆ ಹೊಡೆದುರುಳಿಸಿದರೆಂದೂ ಯಾರೂ ಬದುಕಿಲ್ಲವೆಂದೂ ಓದುತ್ತಾನೆ. ಯಾರೂ ಕೆಲಸ ನಿಲ್ಲಿಸುವುದಿಲ್ಲ. ನಿಲ್ಲಿಸುವಂತಿಲ್ಲ, ಮೇಜಿನ ಮೇಲೆ ಬೇರೆಯವರ ಮಕ್ಕಳು ಮಲಗಿದ್ದಾರೆ. ಆ ಸುದ್ದಿಯನ್ನು ಆಫೀಸಿನಲ್ಲೋ ಊಟದ ಡೇರೆಯಲ್ಲೋ ಹೇಳಿಸಬಹುದಿತ್ತು. ಆದರೆ ಮೂರು ವರ್ಷಗಳಿಂದ ನಗುವನ್ನು ಹೊರಗಿಟ್ಟು ಕಾಯ್ದುಕೊಂಡು ಬಂದ ಜಾಗ ಅದೊಂದೇ. ಅಲ್ಲಿನ ಗಾಳಿ ಬೇರೆ ಎಂದು ನೋಡುಗರ ಕಿವಿಗೆ ಮೊದಲೇ ಗೊತ್ತಿತ್ತು. ಒಂದು ಸಾವನ್ನು ಬರೆಯಲು ಒಂದು ರಾತ್ರಿ ಸಾಕಾದೀತು. ಅದನ್ನು ಇರಿಸುವ ಜಾಗ ಸಿದ್ಧವಾಗಲು ನಿರ್ಮಾಪಕನ ಮೂರು ವರ್ಷದ ಹಟ ಬೇಕಾಯಿತು.

ನಗಿಸಿ ನಗಿಸಿ ತಟ್ಟನೆ ಅಳಿಸುವುದು ಅಗ್ಗದ ತಂತ್ರವಲ್ಲವೇ, ನಂಬಿ ಬಂದವರಿಗೆ ಮಾಡಿದ ಮೋಸವಲ್ಲವೇ ಎಂದು ಆಗಲೂ ಅನೇಕರು ಕೋಪದಿಂದ ಪತ್ರ ಬರೆದರು. ಆಕ್ಷೇಪದಲ್ಲಿ ತೂಕವಿದೆ. ಅಳು ತರಿಸಲು ಪಾತ್ರವನ್ನು ಕೊಲ್ಲುವುದು ಸೋಮಾರಿ ಬರಹಗಾರನ ಹಳೆಯ ಅಭ್ಯಾಸ. ಇಲ್ಲಿ ಮಾತ್ರ ಹಾಗೆನಿಸದಿರಲು ಕಾರಣ ದೃಶ್ಯದ ಒಳಗೇ ಇದೆ. ಹೆನ್ರಿಯ ಸಾವನ್ನು ಯಾರೂ ವಿವರಿಸುವುದಿಲ್ಲ, ಯಾರೂ ಭಾಷಣ ಮಾಡುವುದಿಲ್ಲ, ಅದರಿಂದ ಯಾರೂ ಪಾಠ ಕಲಿಯುವುದಿಲ್ಲ. ಯುದ್ಧದಲ್ಲಿ ಸಾವು ಕಥೆಯ ತಿರುವಿಗಾಗಿ ಕಾಯುವುದಿಲ್ಲ ಎಂಬುದನ್ನು ಹೇಳಲು ಕಥೆಯ ತಿರುವಿಲ್ಲದೆಯೇ ಸಾವನ್ನು ತಂದರು. ಮೋಸ ಎನ್ನುವುದಾದರೆ ವಾರ ವಾರ ಗಾಯಾಳುಗಳನ್ನು ತೋರಿಸಿ ನಮ್ಮವರಿಗೆ ಮಾತ್ರ ಏನೂ ಆಗದು ಎಂಬ ನೆಮ್ಮದಿ ಕೊಡುವುದೇ ದೊಡ್ಡ ಮೋಸ.

ಸಿಟ್‌ಕಾಂ ಹತ್ತು ಜನ ಸೇರಿ ಬರೆಯುವುದು, ಒಬ್ಬರಿಗೆ ಕೀರ್ತಿ ಕಟ್ಟುವುದೇಕೆ ಎಂಬ ಇನ್ನೊಂದು ಪ್ರಶ್ನೆಯೂ ನ್ಯಾಯವಾದದ್ದೇ. ಈಗ ಹೇಳಿದ ಕಂತನ್ನೇ ಬೇರೆಯವರು ಬರೆದರು. ಆದರೆ ಬರಹಗಾರ-ನಿರ್ಮಾಪಕನ ಕೆಲಸ ಎಲ್ಲವನ್ನೂ ತಾನೇ ಬರೆಯುವುದಲ್ಲ. ಎಲ್ಲರ ಬರಹವೂ ಒಂದೇ ಲೋಕದಲ್ಲಿ ನಡೆಯುವಂತೆ ನೋಡಿಕೊಳ್ಳುವುದು. ಗೆಲ್ಬಾರ್ಟ್ ಮತ್ತು ರೆನಾಲ್ಡ್ಸ್ ಕೊರಿಯಾಕ್ಕೆ ಹೋದರು, ಆ ಯುದ್ಧದಲ್ಲಿ ದುಡಿದ ವೈದ್ಯರನ್ನು, ದಾದಿಯರನ್ನು ಮಾತಾಡಿಸಿ ದಾಖಲಿಸಿಕೊಂಡರು, ಆ ಮಾತುಗಳಿಂದ ಕಥೆಗಳನ್ನು ಬೆಳೆಸಿದರು. ಅದರ ಉತ್ತಮ ಫಲ 1976ರ ಫೆಬ್ರುವರಿಯಲ್ಲಿ ಬಂದ ‘ದಿ ಇಂಟರ್‌ವ್ಯೂ’. ಗೆಲ್ಬಾರ್ಟ್ ಅವರೇ ಬರೆದು ನಿರ್ದೇಶಿಸಿದ ಕಂತು, ಕಪ್ಪುಬಿಳುಪು, ಎಲ್ಲೂ ಧ್ವನಿಮುದ್ರಿತ ನಗುವಿಲ್ಲ. ಕ್ಲೀಟ್ ರಾಬರ್ಟ್ಸ್ ಎಂಬ ನಿಜವಾದ ಪತ್ರಕರ್ತರೇ ಪಾತ್ರಗಳನ್ನು ಸಂದರ್ಶಿಸುತ್ತಾರೆ. ನಟರು ಪಾತ್ರದೊಳಗಿದ್ದು ಕೊಟ್ಟ ಉತ್ತರಗಳನ್ನೂ ಸ್ಕ್ರಿಪ್ಟಿಗೆ ಬಳಸಿಕೊಂಡರು. ಕಡುಚಳಿಯಲ್ಲಿ ಗಾಯಾಳುವಿನ ಮೈ ಕೊಯ್ದಾಗ ಏಳುವ ಹಬೆಗೆ ಡಾಕ್ಟರು ಕೈ ಒಡ್ಡಿ ಬೆಚ್ಚಗಾಗುವುದನ್ನು ಪಾದ್ರಿ ಮಲ್ಕೇಹಿ ನೆನೆಯುವ ಮಾತು ಆ ಕಂತಿನದು. ಕೋಣೆಯಲ್ಲಿ ಕೂತು ಕಲ್ಪಿಸಿ ಬರೆಯಲಾಗದ ಮಾತು ಅದು.

ಕೊರತೆಗಳೂ ಇದ್ದವು, ಮುಚ್ಚಿಡಬಾರದು. ಮೊದಲ ವರ್ಷಗಳಲ್ಲಿ ದಾದಿಯರು ಡಾಕ್ಟರುಗಳ ಬೆನ್ನಟ್ಟುವಿಕೆಗೆ ಬಲಿಯಾಗುವ ಮುಖಗಳಾಗಿಯೇ ಹೆಚ್ಚು ಬರುತ್ತಾರೆ. ಆ ದೃಶ್ಯಗಳ ಮೇಲೆ ಸುರಿಸಿದ ಯಂತ್ರದ ನಗು ಇಂದು ಕೇಳಲು ಕಷ್ಟ. ಎರಡನೇ ವರ್ಷ ಲಿಂಡಾ ಬ್ಲಡ್‌ವರ್ತ್ ಮತ್ತು ಮೇರಿ ಕೇ ಪ್ಲೇಸ್ ದಾದಿಯರ ಮುಖ್ಯಸ್ಥೆ ಮೇಜರ್ ಮಾರ್ಗರೆಟ್‌ಳ ಒಂಟಿತನವನ್ನು ಬರೆದಾಗ ಆ ಪಾತ್ರಕ್ಕೆ ಜೀವ ಬಂತು. ವಾಹಿನಿಯ ಜೊತೆ ಮಾಡಿಕೊಂಡದ್ದೂ ಕೊನೆಗೆ ರಾಜಿಯೇ ತಾನೆ ಎನ್ನುವವರಿಗೆ 1980ರ ಉದಾಹರಣೆ ಉತ್ತರವಾದೀತು. ಒಂದು ದಾಂಪತ್ಯವನ್ನು ಕುರಿತು ಎನ್‌ಬಿಸಿ ವಾಹಿನಿಗೆ ಗೆಲ್ಬಾರ್ಟ್ ಮಾಡಿದ ‘ಯುನೈಟೆಡ್ ಸ್ಟೇಟ್ಸ್’ ಧಾರಾವಾಹಿಯಲ್ಲಿ ನಗುವಿನ ಟ್ರ್ಯಾಕ್ ಇರಲೇ ಇಲ್ಲ. ಕೆಲವೇ ಕಂತುಗಳಾದ ಮೇಲೆ ಅದನ್ನು ನಿಲ್ಲಿಸಿಬಿಟ್ಟರು. ಪೂರ್ತಿ ಸ್ವಾತಂತ್ರ್ಯ ಪಡೆದ ಕೃತಿಯನ್ನು ಕಂಡವರು ಕೆಲವರು. ರಾಜಿಯಲ್ಲಿ ಒಂದು ಕೋಣೆಯನ್ನು ಉಳಿಸಿಕೊಂಡ ಕೃತಿ ಕೋಟ್ಯಂತರ ಮನೆಗಳನ್ನು ಸೇರಿತು. ಎರಡನ್ನೂ ಮಾಡಿದವರು ಒಬ್ಬರೇ ಎಂಬುದು ನನಗೆ ಅವರ ಮೇಲಿನ ಗೌರವವನ್ನು ಹೆಚ್ಚಿಸುತ್ತದೆ.

ಧಾರಾವಾಹಿ ಶುರುವಾದ ನಾಲ್ಕು ವರ್ಷಗಳ ಬಳಿಕ, 1976ರಲ್ಲಿ, ಗೆಲ್ಬಾರ್ಟ್ ‘ಮ್ಯಾಷ್’ ಬಿಟ್ಟರು. ಮುಂದೆ ‘ಟೂಟ್ಸಿ’ ಸಿನಿಮಾದ ಬರವಣಿಗೆಯಲ್ಲಿ ಪಾಲುಗೊಂಡರು, ಬ್ರಾಡ್‌ವೇಗೆ ಮರಳಿದರು, 2009ರಲ್ಲಿ ತೀರಿಕೊಂಡರು. ಧಾರಾವಾಹಿ ಇನ್ನೂ ಏಳು ವರ್ಷ ನಡೆಯಿತು. 1983ರ ಫೆಬ್ರುವರಿ 28ರ ಕೊನೆಯ ಕಂತನ್ನು 10 ಕೋಟಿಗೂ ಹೆಚ್ಚು ಜನ ನೋಡಿದರು. ಅವರಿಲ್ಲದೆಯೂ ನಡೆದ ಮೇಲೆ ಅವರ ಕೊಡುಗೆ ಏನು ಎಂದು ಕೇಳಬಹುದು. ಕಡೆಯ ವರ್ಷಗಳ ಕಂತುಗಳಲ್ಲಿ ಮನಸ್ಸಿಗೆ ನಾಟುವ ದೃಶ್ಯಗಳು ಬೇಕಾದಷ್ಟಿವೆ, ಯಂತ್ರದ ನಗುವೂ ಮೆಲ್ಲಗಾಗಿದೆ. ಆದರೆ ಡಾಕ್ಟರುಗಳು ಡೇರೆಯಲ್ಲೂ ಗಂಭೀರ, ಊಟದ ಮೇಜಿನಲ್ಲೂ ಗಂಭೀರ. ತಮ್ಮ ನೋವನ್ನು ತಾವೇ ಬಾಯಿಬಿಟ್ಟು ಹೇಳುತ್ತಾರೆ. ಎಲ್ಲೆಡೆ ಮೌನ ಹಬ್ಬಿದ ಮೇಲೆ ಆಪರೇಷನ್ ಥಿಯೇಟರಿನ ಮೌನಕ್ಕೆ ಮೊದಲಿನ ಹರಿತ ಉಳಿಯಲಿಲ್ಲ. ಆ ಏಳು ವರ್ಷಗಳ ಒಳ್ಳೆಯ ಕಂತುಗಳನ್ನೂ ಮೆಚ್ಚಿ ನೋಡುತ್ತೇನೆ; ಮತ್ತೆ ಮತ್ತೆ ನೋಡಲು ಆರಿಸಿಕೊಳ್ಳುವುದು ಮಾತ್ರ ಮೊದಲ ನಾಲ್ಕು ವರ್ಷಗಳವನ್ನೇ, ನಗುವಿನ ಟ್ರ್ಯಾಕ್ ಇರುವ ಪ್ರತಿಯನ್ನು ಒಮ್ಮೆ, ಇಲ್ಲದ್ದನ್ನು ಇನ್ನೊಮ್ಮೆ.