ಕರಡಿಗೂ ನಮಗೂ ಎಷ್ಟು ದೂರ?

ಕೆನಡಾದ ವಿನಿಪೆಗ್‌ನಲ್ಲಿರುವ ಮಗಳು, ಅಳಿಯ ಮತ್ತು ಹತ್ತು ವರ್ಷದ ಮೊಮ್ಮಗಳು ಡಿಸೆಂಬರ್ ರಜೆಗೆ ಇಟ್ಟಿಗಿಗೆ ಬಂದಿದ್ದರು. ಬಂದ ರಾತ್ರಿಯೇ, ಊಟಕ್ಕೆ ಕೂತಾಗ, ಮೊಮ್ಮಗಳು ತನ್ನ ಸಾಹಸದ ಗಂಟು ಬಿಚ್ಚಿದಳು.

“ಅಜ್ಜಾ, ನಾವು ಚರ್ಚಿಲ್‌ಗೆ ಹೋಗಿದ್ವಿ. ಹಿಮಕರಡಿ ನೋಡಿದೆ. ಒಂದಲ್ಲ, ಏಳು!”

ಪಕ್ಕದಲ್ಲಿ ರೊಟ್ಟಿ ಮುರಿಯುತ್ತಿದ್ದ ಮೊಮ್ಮಗನಿಗೆ ಇದು ಸಹಿಸಲಿಲ್ಲ. ಅವನು ನನ್ನ ಮಗನ ಮಗ, ಇಲ್ಲಿಯೇ ಐದನೇ ತರಗತಿ. “ನಮ್ಮಲ್ಲೂ ಕರಡಿ ಅದಾವು. ಬೇಕಾದ್ರ ಅಜ್ಜನ್ನ ಕೇಳು,” ಎಂದ.

ಇಬ್ಬರೂ ನನ್ನ ಮುಖ ನೋಡಿದರು. ಮೂವತ್ತಾರು ವರ್ಷ ಬ್ಯಾಂಕಿನಲ್ಲಿ ಎರಡೂ ಕಡೆಯ ಲೆಕ್ಕ ಸರಿದೂಗಿಸಿದವನು ನಾನು. “ಮೊದಲು ಅವಳ ಕರಡಿ ಕೇಳೋಣ. ಆಮೇಲೆ ನಮ್ಮ ಕರಡಿ ನೋಡೋಕೆ ದರೋಜಿಗೆ ಹೋಗೋಣ,” ಎಂದೆ.

ಚರ್ಚಿಲ್ ಎಂಬುದು ಹಡ್ಸನ್ ಕೊಲ್ಲಿಯ ದಂಡೆಯಲ್ಲಿರುವ ಸಣ್ಣ ಊರು. ಸಾವಿರ ಜನವೂ ಇಲ್ಲ. ಹೊರಗಿನಿಂದ ಅಲ್ಲಿಗೆ ರಸ್ತೆಯೇ ಇಲ್ಲ. ವಿಮಾನದಲ್ಲಿ ಹೋಗಬೇಕು, ಇಲ್ಲವೇ ವಿನಿಪೆಗ್‌ನಿಂದ ಸುಮಾರು ಎರಡು ದಿನ ರೈಲಿನಲ್ಲಿ ಕೂರಬೇಕು. ಹಿಮಕರಡಿಯ ಮುಖ್ಯ ಆಹಾರ ಸೀಲ್ ಎಂಬ ಕಡಲಪ್ರಾಣಿ. ಅದನ್ನು ಹಿಡಿಯಲು ಕಡಲ ಮೇಲೆ ಹೆಪ್ಪುಗಟ್ಟಿದ ಮಂಜುಗಡ್ಡೆ ಬೇಕೇ ಬೇಕು. ಬೇಸಿಗೆಯಲ್ಲಿ ಮಂಜು ಕರಗಿದಾಗ ಕರಡಿಗಳು ದಡಕ್ಕೆ ಬರುತ್ತವೆ. ಆಮೇಲೆ ತಿಂಗಳುಗಟ್ಟಲೆ ಹೆಚ್ಚುಕಡಿಮೆ ಉಪವಾಸ. ಅಕ್ಟೋಬರ್, ನವೆಂಬರ್‌ನಲ್ಲಿ ಕಡಲು ಮತ್ತೆ ಹೆಪ್ಪುಗಟ್ಟುವುದನ್ನು ಕಾಯುತ್ತಾ ಚರ್ಚಿಲ್ ಸುತ್ತ ಸೇರುತ್ತವೆ. ಜನರೂ ಅವುಗಳನ್ನು ನೋಡಲು ಆಗಲೇ ಹೋಗುತ್ತಾರೆ. ಆಳೆತ್ತರದ ಗಾಲಿಗಳಿರುವ ದೊಡ್ಡ ಬಂಡಿಯಲ್ಲಿ ಕೂಡಿಸಿ ಮಾರ್ಗದರ್ಶಕರು ಕರೆದೊಯ್ಯುತ್ತಾರೆ. ಕೆಳಗೆ ಇಳಿಯುವಂತಿಲ್ಲ, ಕೈ ಹೊರಗೆ ಚಾಚುವಂತಿಲ್ಲ, ತಿನ್ನಲು ಏನೂ ಎಸೆಯುವಂತಿಲ್ಲ.

“ಊರಾಗ ಕರಡಿ ಬಂದ್ರ?” ಮೊಮ್ಮಗ ಕೇಳಿದ.

“ಜೈಲಿಗೆ ಹಾಕ್ತಾರೆ!” ಎಂದಳು ಅವಳು.

ಅವನು ನಂಬಲಿಲ್ಲ. ಆದರೆ ಅದು ನಿಜ. ಊರೊಳಗೆ ನುಗ್ಗಿದ ಕರಡಿಯನ್ನು ಹಿಡಿದು ಒಂದು ಕಟ್ಟಡದಲ್ಲಿ ಕೆಲವು ದಿನ ಇಟ್ಟು, ಆಮೇಲೆ ಹೆಲಿಕಾಪ್ಟರ್‌ನಲ್ಲಿ ದೂರ ಒಯ್ದು ಬಿಡುತ್ತಾರೆ. ಅಲ್ಲಿಯ ಜನ ಕಾರಿನ ಬಾಗಿಲಿಗೆ ಬೀಗ ಹಾಕದೇ ಇರುವುದೂ ರೂಢಿ. ದಾರಿಯಲ್ಲಿ ಕರಡಿ ಎದುರಾದರೆ ಯಾರಾದರೂ ಓಡಿ ಬಂದು ಒಳಗೆ ಕೂರಲಿ ಎಂದು.

ಮೂರನೇ ದಿನ ಬುತ್ತಿ ಕಟ್ಟಿಕೊಂಡು ಹೊರಟೆವು. ಹಗರಿಬೊಮ್ಮನಹಳ್ಳಿ ದಾಟಿ, ಹೊಸಪೇಟೆ ಹಾದು, ಕಮಲಾಪುರ ಬಿಟ್ಟು ಮುಂದೆ ಹೋದರೆ ದರೋಜಿ ಕರಡಿಧಾಮ. ಹಂಪಿಯಿಂದ ಸುಮಾರು 15 ಕಿಲೋಮೀಟರ್. ಬಿಳಿಕಲ್ಲು ಅರಣ್ಯದ 5587 ಹೆಕ್ಟೇರ್‌ನಷ್ಟು ಜಾಗವನ್ನು ಸರ್ಕಾರ 1994ರಲ್ಲಿ ಕರಡಿಧಾಮವೆಂದು ಘೋಷಿಸಿತು. 2009ರಲ್ಲಿ ಬುಕ್ಕಸಾಗರದ ಕಡೆಯ ಕಾಡು ಸೇರಿ ಈಗ ಅದು 82 ಚದರ ಕಿಲೋಮೀಟರಿಗೂ ಹೆಚ್ಚು. ಕಾಡೆಂದರೆ ಮಲೆನಾಡಿನ ಹಾಗಲ್ಲ. ಹಂಪಿಯಲ್ಲಿ ನೋಡುತ್ತೇವಲ್ಲ, ಅಂಥದೇ ಬಂಡೆಗಳ ಗುಡ್ಡ, ನಡುನಡುವೆ ಮುಳ್ಳಿನ ಪೊದೆ. ಆ ಬಂಡೆಗಳ ಸಂದಿಯೇ ಕರಡಿಗೆ ಗುಹೆ, ಬಾಣಂತಿಕೋಣೆ ಎಲ್ಲ. ನಮ್ಮ ಕೂಡ್ಲಿಗಿ ತಾಲ್ಲೂಕಿನ ಗುಡೇಕೋಟೆಯಲ್ಲೂ ಇಂಥದೇ ಗುಡ್ಡಗಳು; 2013ರಲ್ಲಿ ಅದೂ ಕರಡಿಧಾಮವಾಯಿತು.

ದಾರಿಯಲ್ಲಿ ಮೊಮ್ಮಗಳು ಕೇಳಿದಳು: “ಅಜ್ಜಾ, ನೀನು ಮೊದಲ ಸಲ ಕರಡಿ ನೋಡಿದ್ದು ಎಲ್ಲಿ?”

ಈ ಪ್ರಶ್ನೆ ಬರಬಹುದೆಂದು ನಾನು ಎಣಿಸಿರಲಿಲ್ಲ. “ನಮ್ಮ ಓಣಿಯಲ್ಲಿ,” ಎಂದೆ.

ಆಗ ನನಗೆ ಏಳೋ ಎಂಟೋ ವರ್ಷ. ಸುಗ್ಗಿ ಮುಗಿದ ಮೇಲೆ ಕರಡಿ ಆಡಿಸುವವರು ಬರುತ್ತಿದ್ದರು. ಡಮರುಗದ ಸದ್ದು ಕೇಳಿದರೆ ಸಾಕು, ಓಣಿಯ ಮಕ್ಕಳೆಲ್ಲ ಅಲ್ಲಿ. ಕರಡಿ ಹಿಂಗಾಲ ಮೇಲೆ ನಿಂತು ಕುಣಿಯುತ್ತಿತ್ತು, ಸಲಾಮು ಹೊಡೆಯುತ್ತಿತ್ತು. ಮಕ್ಕಳಿಗೆ ಜ್ವರ ಬಂದು ಬೆಚ್ಚಿಬೀಳುತ್ತಿದ್ದರೆ ಕರಡಿಯ ಬೆನ್ನ ಮೇಲೆ ಕೂರಿಸಿ ಸುತ್ತು ಹಾಕಿಸುತ್ತಿದ್ದರು. ಹೆದರಿಕೆ ಹೋಗುತ್ತದೆಂದು ನಂಬಿಕೆ. ನನ್ನನ್ನೂ ಕೂರಿಸಿದ್ದರು. ನಮ್ಮವ್ವ ನಾಲ್ಕಾಣೆ ಕೊಟ್ಟು ಕರಡಿಯ ಕೂದಲು ಕೀಳಿಸಿ, ತಾಮ್ರದ ತಾಯಿತದಲ್ಲಿ ಇಟ್ಟು ನನ್ನ ತೋಳಿಗೆ ಕಟ್ಟಿದ್ದಳು. ಅದನ್ನು ನಾನು ಊರಿಗೆಲ್ಲ ತೋರಿಸಿಕೊಂಡು ತಿರುಗಿದ್ದೆ.

“ಅದು ಕಚ್ಚಲಿಲ್ವಾ?”

“ಇಲ್ಲ. ಮೂಗು ತೂತು ಮಾಡಿ ಹಗ್ಗ ಪೋಣಿಸಿದ್ದರು.”

ಮೊಮ್ಮಗಳು ಸ್ವಲ್ಪ ಹೊತ್ತು ಸುಮ್ಮನಿದ್ದಳು. ಆಮೇಲೆ, “ಅದಕ್ಕೆ ನೋವಾಗ್ತಿತ್ತಾ ಅಜ್ಜಾ?” ಎಂದಳು.

ಅರವತ್ತು ವರ್ಷಕ್ಕೂ ಮೇಲೆ ಈ ಕಥೆಯನ್ನು ಎಷ್ಟೋ ಜನರಿಗೆ ನಗುನಗುತ್ತಾ ಹೇಳಿದ್ದೇನೆ. ಈ ಪ್ರಶ್ನೆಯನ್ನು ಯಾರೂ ಕೇಳಿರಲಿಲ್ಲ. ನಾನೂ ಕೇಳಿಕೊಂಡಿರಲಿಲ್ಲ. “ಆಗ್ತಿತ್ತು,” ಎಂದೆ. ಮುಂದೆ ಹೇಳಲು ಮಾತು ಹೊಳೆಯಲಿಲ್ಲ.

ಮರಿಯಿದ್ದಾಗಲೇ ತಾಯಿಯಿಂದ ಕಿತ್ತು ತಂದು, ಹಲ್ಲು ಕಿತ್ತು, ಮೂಗು ಚುಚ್ಚಿ ಪಳಗಿಸುತ್ತಿದ್ದರು. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆ ಬಂದ ಮೇಲೆ ಇದು ಅಪರಾಧವಾಯಿತು. ಆದರೂ ಆಟ ಕೂಡಲೇ ನಿಲ್ಲಲಿಲ್ಲ. ಕರಡಿ ಆಡಿಸುವ ಕಲಂದರರಿಗೆ ತಲೆತಲಾಂತರದಿಂದ ಅದೇ ಹೊಟ್ಟೆಪಾಡು. ಬ್ಯಾಂಕಿನಲ್ಲಿದ್ದವನಿಗೆ ಒಂದು ಮಾತು ಗೊತ್ತು: ಇರುವ ದುಡಿಮೆ ಬಿಡು ಎಂದರೆ ಸಾಲದು, ಬೇರೆ ದುಡಿಮೆಗೆ ಕೈಯಲ್ಲಿ ನಾಲ್ಕು ಕಾಸು ಇಡಬೇಕು. ವೈಲ್ಡ್‌ಲೈಫ್ ಎಸ್‌ಒಎಸ್ ಎಂಬ ಸಂಸ್ಥೆ ಅದನ್ನೇ ಮಾಡಿತು. ಕರಡಿ ಒಪ್ಪಿಸಿದ ಕುಟುಂಬಗಳಿಗೆ ಬೇರೆ ಕಸುಬು ಹಿಡಿಯಲು ನೆರವಾಯಿತು, ಮಕ್ಕಳನ್ನು ಶಾಲೆಗೆ ಕಳಿಸಲು ಕೈಜೋಡಿಸಿತು. 2009ರಲ್ಲಿ ಕೊನೆಯ ಕುಣಿಯುವ ಕರಡಿಯೆಂದು ಕರೆಯಲಾದ ‘ರಾಜು’ ಬೆಂಗಳೂರಿನ ಬನ್ನೇರುಘಟ್ಟದ ಕರಡಿ ಆಶ್ರಯಕ್ಕೆ ಬಂತು.

ದರೋಜಿಯ ವೀಕ್ಷಣಾ ಗೋಪುರ ತಲುಪಿದಾಗ ಮಧ್ಯಾಹ್ನ ಮೂರು ಗಂಟೆ. ಎದುರಿಗೆ ಕರಡಿಕಲ್ಲು ಗುಡ್ಡ. ಅದರ ಬಂಡೆಗಳ ಮೇಲೆ ಅರಣ್ಯ ಇಲಾಖೆಯವರು ಮಧ್ಯಾಹ್ನ ಬೆಲ್ಲದ ಪಾಕ ಸವರಿ ಹೋಗುತ್ತಾರೆ. ಬಿಸಿಲು ಇಳಿದ ಮೇಲೆ ಕರಡಿಗಳು ಗುಹೆ ಬಿಟ್ಟು ನೆಕ್ಕಲು ಬರುತ್ತವೆ. ನಾವು ಗೋಪುರದ ಮೇಲೆ ಕೂತು ಕಾಯಬೇಕು.

ಮೊದಲು ನವಿಲು ಬಂತು. ಆಮೇಲೆ ಚಿಟ್ಟುಕೋಳಿಗಳು, ಒಂದು ಮುಂಗುಸಿ. ಒಂದು ಗಂಟೆ ಕಳೆಯಿತು. ಮೊಮ್ಮಗ ಮೂರು ಸಲ ನೀರು ಕುಡಿದ, ಎರಡು ಸಲ ಆಕಳಿಸಿದ. ಆಗ ಮೊಮ್ಮಗಳು ನನ್ನ ತೋಳು ಹಿಡಿದು ಜಗ್ಗಿದಳು. ಬಂಡೆಗಳ ಸಂದಿಯಿಂದ ಕರಿಯದೊಂದು ಹೊರಗೆ ಬಂತು. ದುರ್ಬೀನಿನಲ್ಲಿ ನೋಡಿದರೆ ತಾಯಿಕರಡಿ. ಬೆನ್ನ ಮೇಲೆ, ಉದ್ದ ಕೂದಲನ್ನು ಗಟ್ಟಿಯಾಗಿ ಹಿಡಿದುಕೊಂಡು, ಎರಡು ಮರಿ!

“ಅಲ್ನೋಡ್ರೋ! ಮರೀ!” ಮೊಮ್ಮಗ ಎದ್ದು ನಿಂತು ಕೂಗಿಬಿಟ್ಟ.

ತಾಯಿ ನಿಂತಿತು. ಮೂಗೆತ್ತಿ ಗಾಳಿ ಮೂಸಿತು. ಬೆಲ್ಲವನ್ನು ಮುಟ್ಟಲೂ ಇಲ್ಲ. ಬಂದ ದಾರಿಯಲ್ಲೇ ತಿರುಗಿ ಬಂಡೆಗಳೊಳಗೆ ಇಳಿದುಹೋಯಿತು.

ಗೋಪುರದ ಮೇಲಿದ್ದವರೆಲ್ಲ ಅವನನ್ನು ನೋಡಿದರು. ಪಾಪ, ಹುಡುಗನ ಕಣ್ಣಲ್ಲಿ ನೀರು. ಅವಳು ಹಂಗಿಸುತ್ತಾಳೇನೋ ಎಂದುಕೊಂಡೆ. ಆದರೆ ಅವಳು ಅವನ ಪಕ್ಕ ಸರಿದು, “ನಾನೂ ಬಂಡಿಯಲ್ಲಿ ಕಿರುಚಿದ್ದೆ. ಗೈಡ್ ಬೈದ್ರು,” ಎಂದು ಪಿಸುಗುಟ್ಟಿದಳು. ಇದನ್ನು ಅವಳು ಮೊದಲ ರಾತ್ರಿ ಹೇಳಿರಲಿಲ್ಲ!

ಕಾಯುವಾಗ ನಾನು ಮೆಲ್ಲಗೆ ನಮ್ಮ ಕರಡಿಯ ವಿಷಯ ಹೇಳಿದೆ. ಗೆದ್ದಲೇ ಇದರ ನಿತ್ಯದ ಊಟ. ಅದಕ್ಕೆಂದೇ ಮೇಲಿನ ಸಾಲಿನ ನಡುವೆ ಎರಡು ಹಲ್ಲುಗಳಿಲ್ಲ. ಉದ್ದ ಉಗುರಿನಿಂದ ಹುತ್ತ ಒಡೆದು, ಮೂಗಿನ ಹೊಳ್ಳೆ ಮುಚ್ಚಿಕೊಂಡು, ಆ ಸಂದಿಯಿಂದ ಗೆದ್ದಲನ್ನು ಸೊರ್ರೆಂದು ಹೀರುತ್ತದೆ. ಕಾಲಕ್ಕೆ ತಕ್ಕಂತೆ ಬಾರೆ, ಕವಳೆ, ನೇರಳೆ ಹಣ್ಣು. ಜೇನು ಸಿಕ್ಕರೆ ಹಬ್ಬ. ಹಿಮಕರಡಿಯ ಮುಂದೆ ಇದು ಸಣ್ಣದು. ದೊಡ್ಡ ಗಂಡು ಹಿಮಕರಡಿ 500 ಕಿಲೋಗೂ ಮೇಲೆ ತೂಗಬಲ್ಲದು. ನಮ್ಮದು ನೂರು, ನೂರೈವತ್ತರ ಒಳಗೆ. ಒಂದು ತಮಾಷೆ ಕೇಳಿ: ಬಿಳಿಯಾಗಿ ಕಾಣುವ ಹಿಮಕರಡಿಯ ಕೂದಲಿಗೆ ಬಣ್ಣವೇ ಇಲ್ಲ, ಅದರ ಚರ್ಮ ಕಪ್ಪು!

“ಅಂದ್ರ ಒಳಗ ಅದೂ ನಮ್ಮ ಕರಡಿನ,” ಎಂದ ಮೊಮ್ಮಗ, ಕಣ್ಣೊರೆಸಿಕೊಂಡು.

ಅಷ್ಟರಲ್ಲಿ ಮೊಮ್ಮಗಳದು ಇನ್ನೊಂದು ಪ್ರಶ್ನೆ. “ಬೆಲ್ಲ ಹಾಕದಿದ್ರೆ ಕರಡಿ ಬರುತ್ತಾ ಅಜ್ಜಾ?” ಪಕ್ಕದಲ್ಲಿದ್ದ ಕಾವಲುಗಾರ ನಕ್ಕ. “ಬರ್ತಾವವ್ವಾ, ಆದ್ರ ಇಲ್ಲಿಗೇ, ಈ ಹೊತ್ತಿಗೇ ಬರಬೇಕಂತಿಲ್ಲ. ಬೆಲ್ಲ ಬರೀ ಬಾಯಿರುಚಿಗೆ. ಹೊಟ್ಟಿ ತುಂಬೋದು ಗುಡ್ಡದಾಗ.”

ನನಗೆ ಪೂರ್ತಿ ಸಮಾಧಾನವಾಗಲಿಲ್ಲ. ನಾರ್ವೆ ದೇಶದ ಸ್ವಾಲ್ಬಾರ್ಡ್ ದ್ವೀಪಗಳಲ್ಲಿ ಹಿಮಕರಡಿಗೆ ಆಸೆ ತೋರಿಸಿ ಕರೆಯುವುದೂ, ಬೆನ್ನಟ್ಟುವುದೂ ಅಪರಾಧ. 2025ರಿಂದ ಅಲ್ಲಿ ಕರಡಿಯಿಂದ ಕನಿಷ್ಠ 300 ಮೀಟರ್ ದೂರ ಇರಬೇಕು. ಮಾರ್ಚ್‌ನಿಂದ ಜೂನ್‌ವರೆಗೆ 500 ಮೀಟರ್. ನಮ್ಮ ದೇಶದ ‘ಹಿಮಾದ್ರಿ’ ಸಂಶೋಧನಾ ಕೇಂದ್ರ 2008ರಿಂದ ಇರುವುದೂ ಆ ದ್ವೀಪಗಳಲ್ಲೇ. ನಾವು ಬೆಲ್ಲ ಸವರುತ್ತೇವೆ, ನಿಜ. ಆದರೆ ಅದು ಬಂದು ನೆಕ್ಕುವುದೂ, ಬೇಡವೆನಿಸಿದರೆ ತಿರುಗಿ ಹೋಗುವುದೂ ಅದರ ಇಷ್ಟ. ನಮ್ಮ ಓಣಿಯ ಕರಡಿಗೆ ತಿರುಗಿ ಹೋಗುವ ದಾರಿ ಇರಲಿಲ್ಲ.

ದೂರ ಬೇಕಾದದ್ದು ಕರಡಿಗೆ ಮಾತ್ರವಲ್ಲ, ನಮಗೂ. ನಸುಕಿನಲ್ಲಿ ಹೊಲಕ್ಕೆ ಹೋದವರ ಮೇಲೆ ಕರಡಿ ಎರಗಿದ ಸುದ್ದಿಯನ್ನು ನಮ್ಮ ಕಡೆ ಓದುತ್ತಲೇ ಇರುತ್ತೇವೆ. ಕರಡಿ ಬೇಕೆಂದು ಬರುವುದಿಲ್ಲ. ಥಟ್ಟನೆ ಎದುರಾದಾಗ ಹೆದರಿ ಮೇಲೆ ಬೀಳುತ್ತದೆ. ಗುಡ್ಡ ಕರಗಿ, ಪೊದೆ ಹೋಗಿ, ಹೊಲ ಅದರ ಬಾಗಿಲಿಗೇ ಬಂದರೆ ಇಬ್ಬರಿಗೂ ದಾರಿ ಒಂದೇ ಆಗುತ್ತದೆ. ಅತ್ತ ಹಿಮಕರಡಿಯ ನೆಲವೂ ಕರಗುತ್ತಿದೆ. ಭೂಮಿ ಬಿಸಿಯಾಗಿ ಕಡಲಿನ ಮಂಜು ಬೇಗ ಕರಗಿ ತಡವಾಗಿ ಹೆಪ್ಪುಗಟ್ಟಿದರೆ ಅದರ ಉಪವಾಸ ಅಷ್ಟು ದಿನ ಹೆಚ್ಚು. ಹಡ್ಸನ್ ಕೊಲ್ಲಿಯ ಪಶ್ಚಿಮ ದಂಡೆಯಲ್ಲಿ 2016ರಲ್ಲಿ ಸುಮಾರು 842 ಎಂದು ಅಂದಾಜಿಸಿದ್ದ ಹಿಮಕರಡಿಗಳು 2021ರ ಹೊತ್ತಿಗೆ 618ಕ್ಕೆ ಇಳಿದಿದ್ದವು. ಐದು ವರ್ಷದಲ್ಲಿ ಅಸಲಿನಲ್ಲೇ ಕಾಲು ಪಾಲು ಕರಗಿದರೆ, ಬ್ಯಾಂಕಿನ ಭಾಷೆಯಲ್ಲಿ ಅದು ದಿವಾಳಿಯ ದಾರಿ.

ಹೊತ್ತು ಇಳಿದು ಬಂಡೆಗಳು ಕೆಂಪಾದವು. ಆಗ ಇನ್ನೊಂದು ಕರಡಿ ಬಂತು. ಒಂಟಿ, ದೊಡ್ಡದು. ನಿಧಾನವಾಗಿ ಬಂಡೆ ಏರಿ ಬೆಲ್ಲ ನೆಕ್ಕತೊಡಗಿತು. ತಲೆ ಎತ್ತಿದಾಗ ಎದೆಯ ಮೇಲಿನ ಬಿಳಿ ಗುರುತು ಕಂಡಿತು. ಮೂಗಿನಲ್ಲಿ ಹಗ್ಗವಿಲ್ಲ. ಯಾರಿಗೂ ಸಲಾಮು ಹೊಡೆಯಲಿಲ್ಲ. ಮೊಮ್ಮಗ ಎರಡೂ ಕೈಯಿಂದ ಬಾಯಿ ಮುಚ್ಚಿಕೊಂಡು ನೋಡುತ್ತಿದ್ದ. ಉಸಿರಾಡುತ್ತಿದ್ದಾನೋ ಇಲ್ಲವೋ ಎಂದು ನನಗೇ ಗಾಬರಿ. ಹತ್ತು ನಿಮಿಷ ಇದ್ದು, ನಮ್ಮ ಕಡೆ ಒಮ್ಮೆಯೂ ನೋಡದೆ, ಕರಡಿ ತನ್ನ ಕೆಲಸಕ್ಕೆ ಹೋಯಿತು.

ಹೋಗಬೇಕೆನ್ನುವ ಅಜ್ಜ-ಅಜ್ಜಿಯರಿಗೆ, ಮಕ್ಕಳಿಗೆ ಎರಡು ಮಾತು. ಮಧ್ಯಾಹ್ನ ಮೂರರೊಳಗೆ ಗೋಪುರದಲ್ಲಿರಿ. ದುರ್ಬೀನು ಮರೆಯಬೇಡಿ, ಬರಿಗಣ್ಣಿಗೆ ಕರಡಿ ಕರಿಚುಕ್ಕೆಯಂತೆ ಕಾಣುತ್ತದೆ. ಕಣ್ಣು ಕುಕ್ಕುವ ಬಣ್ಣದ ಬಟ್ಟೆ ಬೇಡ, ಮೊಬೈಲ್ ಸದ್ದು ಬೇಡ, ತಿಂಡಿಯ ಚೀಟು ಅಲ್ಲಿ ಬಿಸಾಡಬೇಡಿ. ಒಂದು ಕರಡಿಯೂ ಕಾಣದೆ ಹಿಂದಿರುಗಬೇಕಾದೀತು. ಅದಕ್ಕೆ ಬೇಸರಪಡಬೇಡಿ. ಅವು ನಮಗಾಗಿ ಅಲ್ಲಿಲ್ಲ.

ಮನೆಗೆ ಬಂದ ಮೇಲೆ ಅವ್ವನ ಹಳೆಯ ಪೆಟ್ಟಿಗೆಯಿಂದ ಆ ತಾಮ್ರದ ತಾಯಿತವನ್ನು ತೆಗೆದು ಮೊಮ್ಮಕ್ಕಳಿಗೆ ತೋರಿಸಿದೆ. ಒಳಗೆ ಇನ್ನೂ ನಾಲ್ಕು ಕರಿಕೂದಲು ಇವೆ. ಮೊಮ್ಮಗಳು ಅಂಗೈಯಲ್ಲಿಟ್ಟುಕೊಂಡು ಬಹಳ ಹೊತ್ತು ನೋಡಿದಳು, ಮೆಲ್ಲಗೆ ಮುಚ್ಚಳ ಹಾಕಿ ನನ್ನ ಕೈಗೆ ಕೊಟ್ಟಳು.

ಮೊಮ್ಮಗ ಬಾಗಿಲಲ್ಲಿ ನಿಂತಿದ್ದ. “ಅಜ್ಜಾ, ಬ್ಯಾಸಿಗಿ ಸೂಟಿಗೆ ಮತ್ತ ದರೋಜಿಗೆ ಹೋಗೂಣು. ಆ ತಾಯಿಕರಡಿ ಬೆಲ್ಲ ತಿನ್ನೂದು ನೋಡಬೇಕು. ಈ ಸಲ ನಾ ಒದರಂಗಿಲ್ಲ,” ಎಂದ.