ಹಿಟ್ಲರ್ ಮೇಷ್ಟ್ರು ಡಕಾವ್‌ಗೆ ಹೋದದ್ದು

ಈ ಬರಹಗಳನ್ನು ಓದುವ ನನ್ನ ಹಳೆಯ ವಿದ್ಯಾರ್ಥಿಗಳಿಗೆ ನನ್ನ ಅಡ್ಡಹೆಸರು ಏನೆಂದು ನೆನಪಿಸಬೇಕಾಗಿಲ್ಲ. ಎದುರಿಗೆ ಯಾರೂ ಅನ್ನುತ್ತಿರಲಿಲ್ಲ, ನಿಜ. ಆದರೆ ಶಾಲೆಯ ಹಿಂದಿನ ಗೋಡೆಯ ಮೇಲೆ ಇದ್ದಿಲಿನಲ್ಲಿ ಬರೆದಿದ್ದ "ಹಿಟ್ಲರ್ ಮೇಷ್ಟ್ರು" ಎಂಬ ಬಿರುದನ್ನು ನಾನೂ ಓದಿದ್ದೆ. ಬರೆದವರು ಯಾರೆಂದು ಪತ್ತೆ ಹಚ್ಚಲು ಹೋಗಲಿಲ್ಲ. ಒಳಗೊಳಗೇ ನನಗೆ ಅದು ಹೆಮ್ಮೆಯಾಗಿಯೇ ಕಂಡಿತ್ತು. ಶಿಸ್ತಿನ ಮೇಷ್ಟ್ರೆಂದರೆ ಹೀಗಿರಬೇಕು ಎಂದುಕೊಂಡಿದ್ದೆ.

ವಿಷಯ ಅಷ್ಟಕ್ಕೇ ನಿಂತಿದ್ದರೆ ಇದನ್ನು ಬರೆಯುತ್ತಿರಲಿಲ್ಲ. ಮೂರು ವರ್ಷಗಳ ಹಿಂದೆ ನೀವೆಲ್ಲ ಸೇರಿ ಗುರುವಂದನೆ ಏರ್ಪಡಿಸಿದ್ದಿರಲ್ಲ, ಅಂದು ನಿಮ್ಮಲ್ಲೊಬ್ಬ ಮೈಕ್ ಹಿಡಿದು ಹೇಳಿದ: "ನಮ್ಮ ಸಾರು ಎರಡನೇ ಮಹಾಯುದ್ಧದ ಪಾಠ ಮಾಡ್ತಾ, ಈ ದೇಶ ಉದ್ಧಾರ ಆಗಬೇಕಾದ್ರೆ ಐದು ವರ್ಷ ಒಬ್ಬ ಹಿಟ್ಲರ್ ಬರಬೇಕು ಕಣ್ರೋ ಅಂದಿದ್ರು. ನಾನು ಇವತ್ತಿಗೂ ಮರೆತಿಲ್ಲ. ನನ್ನ ಮಗನಿಗೂ ಅದನ್ನೇ ಹೇಳ್ತಿರ್ತೀನಿ." ಎಲ್ಲರೂ ಚಪ್ಪಾಳೆ ತಟ್ಟಿದರು. ಹೆಗಲ ಮೇಲೆ ಶಾಲು, ಕೈಯಲ್ಲಿ ಹಣ್ಣಿನ ಬುಟ್ಟಿ ಇಟ್ಟುಕೊಂಡು ನಾನೂ ನಕ್ಕೆ.

ಆ ಮಾತು ನನ್ನದೇ. ಒಂದು ಸಲವಲ್ಲ, ಪ್ರತಿವರ್ಷ ಆ ಪಾಠ ಬಂದಾಗಲೂ ಹೇಳುತ್ತಿದ್ದೆ. ತಡವಾಗಿ ಬರುವ ಬಸ್ಸು, ಲಂಚವಿಲ್ಲದೆ ಕದಲದ ಕಡತ, ರಸ್ತೆಯ ಮೇಲೆ ಉಗುಳುವ ಜನ, ಇವೆಲ್ಲಕ್ಕೂ ಅದೇ ನನ್ನ ಔಷಧ. ಸತ್ತ 60 ಲಕ್ಷ ಯಹೂದಿಗಳ ಸಂಖ್ಯೆಯನ್ನೂ ಹೇಳುತ್ತಿದ್ದೆ. ಆದರೆ ಅದು ಪರೀಕ್ಷೆಗೆ, ಒಂದು ಅಂಕದ ಪ್ರಶ್ನೆಗೆ.

2024ರ ಮೇ ತಿಂಗಳಿನಲ್ಲಿ ಮಗನ ಮನೆಗೆಂದು ಮ್ಯೂನಿಕ್‌ಗೆ ಹೋಗಿದ್ದೆ. ಮಗ ನನ್ನನ್ನು ಬೆಟ್ಟದ ಮೇಲಿನ ರಾಜನ ಅರಮನೆಗೆ, ಸರೋವರಗಳಿಗೆ ಕರೆದೊಯ್ದ. ಮ್ಯೂನಿಕ್‌ನ ವಾಯವ್ಯಕ್ಕೆ ಸುಮಾರು ಇಪ್ಪತ್ತು ಕಿಲೋಮೀಟರ್ ದೂರದಲ್ಲಿ ಡಕಾವ್ ಎಂಬ ಊರಿದೆ, ನಾಜಿಗಳ ಯಾತನಾ ಶಿಬಿರವಿದ್ದ ಜಾಗ ಈಗ ಸ್ಮಾರಕವಾಗಿದೆ ಎಂಬುದು ನನಗೆ ಗೊತ್ತಿತ್ತು. "ರಜೆಯಲ್ಲಿ ಅದ್ಯಾಕಪ್ಪಾ?" ಎಂದ. ಆರು ವರ್ಷದಿಂದ ಅಲ್ಲಿದ್ದರೂ ಅವನು ಹೋಗಿರಲಿಲ್ಲ. ಮೊಮ್ಮಗಳು ತಾನೂ ಬರುತ್ತೇನೆಂದು ಹಟ ಹಿಡಿದಳು. ಒಂಬತ್ತು ವರ್ಷದ ಮಗುವನ್ನು ಕರೆದೊಯ್ಯುವ ಜಾಗವಲ್ಲ. ಕೊನೆಗೆ ಒಂದು ಮಂಗಳವಾರ ಒಬ್ಬನೇ ಹೊರಟೆ. ಸೊಸೆ ಚಪಾತಿ ಪಲ್ಯ ಕಟ್ಟಿಕೊಟ್ಟು, ರೈಲು ಬದಲಿಸುವ ಕ್ರಮವನ್ನು ಚೀಟಿಯಲ್ಲಿ ಬರೆದುಕೊಟ್ಟಳು: ಎಸ್ 2 ರೈಲು, ನಂತರ 726ನೆಯ ನಂಬರಿನ ಬಸ್ಸು.

ಬಸ್ಸು ಬಲು ಸಾಮಾನ್ಯವಾದ ಬೀದಿಗಳಲ್ಲಿ ಹೋಯಿತು. ಮನೆಗಳ ಮುಂದೆ ಹೂವಿನ ಕುಂಡಗಳು, ನಾಯಿಯನ್ನು ಅಡ್ಡಾಡಿಸುವ ಮುದುಕಿ. ಎಂಥದೋ ಕಾಡಿನ ನಡುವೆ ಅಡಗಿಸಿಟ್ಟ ಜಾಗವೆಂದು ಕಲ್ಪಿಸಿಕೊಂಡಿದ್ದ ನನಗೆ ಇದೇ ಮೊದಲ ಆಘಾತ. ಹಿಟ್ಲರ್ ಅಧಿಕಾರಕ್ಕೆ ಬಂದದ್ದು 1933ರ ಜನವರಿ 30ರಂದು; ಈ ಶಿಬಿರ ಆರಂಭವಾದದ್ದು ಅದೇ ವರ್ಷದ ಮಾರ್ಚ್ 22ರಂದು. ಎರಡು ತಿಂಗಳೂ ತುಂಬಿರಲಿಲ್ಲ. ಗುಟ್ಟಾಗಿಯೂ ಅಲ್ಲ. ಆಗ ಮ್ಯೂನಿಕ್‌ನ ಪೊಲೀಸ್ ಮುಖ್ಯಸ್ಥನಾಗಿದ್ದ ಹಿಮ್ಲರ್ ಪತ್ರಕರ್ತರನ್ನು ಕರೆದು ಪ್ರಕಟಿಸಿದ, ಪತ್ರಿಕೆಗಳಲ್ಲಿ ಸುದ್ದಿ ಬಂತು. ಮೊದಲು ಒಳಗೆ ಹೋದವರು ಆ ದೇಶದವರೇ ಆದ ರಾಜಕೀಯ ವಿರೋಧಿಗಳು, ಕಾರ್ಮಿಕ ನಾಯಕರು. ಬೆಳಗಿನ ಕಾಫಿಯ ಜೊತೆ ಆ ಸುದ್ದಿ ಓದಿದವರಲ್ಲಿ ಎಷ್ಟು ಜನ, ಸ್ವಲ್ಪ ಶಿಸ್ತು ಬರಲಿ ಬಿಡಿ ಎಂದುಕೊಂಡಿರಬಹುದು! ನನ್ನಂಥ ಮೇಷ್ಟ್ರುಗಳು ಖಂಡಿತ ಅಂದುಕೊಂಡಿರುತ್ತಾರೆ.

ಒಳಹೋಗುವ ಕಬ್ಬಿಣದ ಬಾಗಿಲಿನಲ್ಲಿ, ದುಡಿಮೆ ನಿನ್ನನ್ನು ಬಿಡುಗಡೆಗೊಳಿಸುತ್ತದೆ ಎಂಬ ಅರ್ಥದ ಮೂರು ಪದಗಳಿವೆ. (ಹಳೆಯ ಬಾಗಿಲನ್ನು 2014ರಲ್ಲಿ ಕಳ್ಳರು ಕದ್ದೊಯ್ದರು, 2016ರಲ್ಲಿ ಅದು ನಾರ್ವೆಯಲ್ಲಿ ಸಿಕ್ಕಿತು. ಈಗ ವಸ್ತುಸಂಗ್ರಹಾಲಯದೊಳಗಿದೆ, ದಾರಿಯಲ್ಲಿರುವುದು ನಕಲು. ಇಂಥದನ್ನೂ ಕದಿಯುವವರಿದ್ದಾರೆ!) ಕಾಯಕದ ಬಗ್ಗೆ ಶರಣರು ಹೇಳಿದ ಮಾತನ್ನು ನಮ್ಮ ಶಾಲೆಯ ಗೋಡೆಗೆ ಬರೆಸಿದವನು ನಾನು. ಒಳ್ಳೆಯ ಮಾತನ್ನು ಎಂಥವರೂ ಬಾಗಿಲಿಗೆ ಹಾಕಿಕೊಳ್ಳಬಹುದು ಎಂದು ಹೊಳೆದಿರಲೇ ಇಲ್ಲ.

ಬಾಗಿಲು ದಾಟಿದರೆ ವಿಶಾಲವಾದ ಮೈದಾನ. ಹಾಜರಿಯ ಮೈದಾನ. ಬೆಳಿಗ್ಗೆ ಸಂಜೆ ಸಾವಿರಾರು ಕೈದಿಗಳು ಸಾಲಾಗಿ ನಿಲ್ಲಬೇಕಿತ್ತು. ಲೆಕ್ಕ ತಪ್ಪಿದರೆ ಮಳೆಯಿರಲಿ ಹಿಮವಿರಲಿ ಗಂಟೆಗಟ್ಟಲೆ ನಿಂತೇ ಇರಬೇಕು. ರಾತ್ರಿ ಸತ್ತವರ ಹೆಣವನ್ನೂ ಹೊತ್ತು ತಂದು ಸಾಲಿನಲ್ಲಿ ಮಲಗಿಸಿ ಎಣಿಸುತ್ತಿದ್ದರಂತೆ. ಜಲ್ಲಿಕಲ್ಲಿನ ಆ ಬಯಲಿನಲ್ಲಿ ಮೇ ತಿಂಗಳಿನ ಎಳೆಬಿಸಿಲಿಗೇ ನನಗೆ ಕಾಲು ನೋಯತೊಡಗಿತು.

ಆಗ ಒಂದು ಜರ್ಮನ್ ಶಾಲೆಯ ಮಕ್ಕಳ ತಂಡ ಬಂತು. ಹದಿನಾಲ್ಕು ಹದಿನೈದರ ಪ್ರಾಯ, ನಮ್ಮ ಒಂಬತ್ತನೆಯ ತರಗತಿಯವರಷ್ಟು. ಇಬ್ಬರು ಹುಡುಗರು ಏನೋ ಪಿಸುಗುಟ್ಟಿ ನಕ್ಕರು. ನಾನಾಗಿದ್ದರೆ ಕಿವಿ ಹಿಂಡುತ್ತಿದ್ದೆ. ಅವರ ಶಿಕ್ಷಕಿ ಮಾತು ನಿಲ್ಲಿಸಿ ಸುಮ್ಮನೆ ನಿಂತರು, ಅಷ್ಟೇ. ನಗು ತಾನಾಗಿ ಆರಿತು. ಆಮೇಲೆ ಆಕೆ ನನ್ನ ಬಳಿ ಬಂದು ಇಂಗ್ಲಿಷಿನಲ್ಲಿ, "ನೀವೂ ಶಿಕ್ಷಕರಲ್ಲವೇ?" ಎಂದರು. ಹೇಗೆ ತಿಳಿಯಿತೆಂದು ಕೇಳಿದೆ. "ನನ್ನ ಮಕ್ಕಳನ್ನು ಎಣಿಸುತ್ತಿದ್ದಿರಿ" ಎಂದರು. ಹೌದು, ಇಪ್ಪತ್ತಾರು ಮಕ್ಕಳು. ಮೂವತ್ತು ಚಿಲ್ಲರೆ ವರ್ಷಗಳ ಪ್ರವಾಸಗಳ ಅಭ್ಯಾಸ. ಇಬ್ಬರೂ ನಕ್ಕೆವು, ನಿಂತ ಜಾಗ ನೆನಪಾಗಿ ಇಬ್ಬರೂ ನಿಲ್ಲಿಸಿದೆವು.

ಕೈದಿಗಳಿದ್ದ 34 ಮರದ ಬ್ಯಾರಕ್‌ಗಳಲ್ಲಿ ಈಗ ಒಂದೂ ಉಳಿದಿಲ್ಲ. ಎರಡನ್ನು ಹೊಸದಾಗಿ ಕಟ್ಟಿ ತೋರಿಸಿದ್ದಾರೆ, ಉಳಿದವುಗಳ ತಳದ ಗುರುತು ಮಾತ್ರ ಸಾಲಾಗಿ ಇದೆ. ಸುಮಾರು 6,000 ಜನರಿಗೆಂದು ಕಟ್ಟಿದ್ದರಲ್ಲಿ ಕೊನೆಗೆ 30,000ಕ್ಕೂ ಹೆಚ್ಚು ಜನರನ್ನು ತುಂಬಿದ್ದರು. ಹೊದಿಕೆಯಲ್ಲೊಂದು ಸುಕ್ಕಿದ್ದರೆ, ನೆಲ ಥಳಥಳಿಸದಿದ್ದರೆ, ಕಪಾಟಿನಲ್ಲೊಂದು ಕಲೆ ಕಂಡರೆ ಶಿಕ್ಷೆ. ನಾನು ಅಲ್ಲಿ ಬಹಳ ಹೊತ್ತು ನಿಂತಿದ್ದೆ. ಉಗುರು, ಚೀಲ, ಹೊಲಿಗೆ ಬಿಚ್ಚಿದ ಗುಂಡಿ ಹುಡುಕುತ್ತಿದ್ದ ನನ್ನ ಬೆಳಗಿನ ತಪಾಸಣೆಗೂ ಇದಕ್ಕೂ ಹೋಲಿಕೆ ಮಾಡಿದರೆ ಅಲ್ಲಿ ಸತ್ತವರಿಗೆ ಅವಮಾನವಾದೀತು. ಹೋಲಿಸುವುದಿಲ್ಲ. ಆದರೆ ಹಿಟ್ಲರನ ಶಿಸ್ತು ಎಂದು ಮೇಜು ಕುಟ್ಟಿ ನಾನು ಹೊಗಳುತ್ತಿದ್ದದ್ದು ಏನನ್ನು ಎಂದು ಅಂದು ಕಣ್ಣಾರೆ ಕಂಡೆ. ಆ ಶಿಸ್ತಿಗೆ ಸಿಕ್ಕಿದವರು ಹನ್ನೆರಡು ವರ್ಷಗಳಲ್ಲಿ ನಲವತ್ತಕ್ಕೂ ಹೆಚ್ಚು ದೇಶಗಳ ಎರಡು ಲಕ್ಷಕ್ಕೂ ಮೀರಿದ ಜನ. ಅವರಲ್ಲಿ ಸತ್ತವರು ಕನಿಷ್ಠ 41,500.

ಮರಗಳ ನಡುವಿನ ದಾರಿಯಲ್ಲಿ ಹೋದರೆ ಶವಗಳನ್ನು ಸುಡುತ್ತಿದ್ದ ಕಟ್ಟಡ. (ಸಂಸ್ಕಾರ ಎಂಬ ಪದ ಇಲ್ಲಿ ಸಲ್ಲದು.) ಇಟ್ಟಿಗೆಯ ಒಲೆಗಳನ್ನು ಕುರಿತು ನಾನೇನೂ ಬರೆಯಲಾರೆ. ಅಲ್ಲಿಯ ಒಂದು ಫಲಕದಲ್ಲಿ ಕಂಡ ಹೆಸರಿನ ಬಗ್ಗೆ ಮಾತ್ರ ಬರೆಯಲೇಬೇಕು: ನೂರ್ ಇನಾಯತ್ ಖಾನ್. ಸೂಫಿ ಗುರು, ಸಂಗೀತಗಾರ ಹಜರತ್ ಇನಾಯತ್ ಖಾನರ ಮಗಳು. ತಂದೆಯ ತಾಯಿಯ ಕಡೆಯಿಂದ ನಮ್ಮ ಟಿಪ್ಪು ಸುಲ್ತಾನನ ವಂಶಕ್ಕೆ ಸೇರಿದವಳೆಂದು ಹೇಳುತ್ತಾರೆ. ಮಕ್ಕಳಿಗೆ ಕಥೆ ಬರೆಯುತ್ತಿದ್ದ ಈ ಹುಡುಗಿ ಯುದ್ಧಕಾಲದಲ್ಲಿ ಬ್ರಿಟನ್ನಿನ ಗುಪ್ತದಳ ಸೇರಿ, 1943ರ ಜೂನ್‌ನಲ್ಲಿ ನಾಜಿಗಳ ವಶದಲ್ಲಿದ್ದ ಫ್ರಾನ್ಸಿಗೆ ಹೋಗಿ, ಪ್ಯಾರಿಸ್ಸಿನಿಂದ ವೈರ್‌ಲೆಸ್ ಸಂದೇಶ ಕಳಿಸುತ್ತಿದ್ದಳು. ಅಕ್ಟೋಬರ್‌ನಲ್ಲಿ ಸಿಕ್ಕಿಬಿದ್ದಳು. ತಿಂಗಳುಗಟ್ಟಲೆ ಸಂಕೋಲೆಯಲ್ಲಿಟ್ಟರು. 1944ರ ಸೆಪ್ಟೆಂಬರ್ 13ರಂದು ಇನ್ನೂ ಮೂವರು ಹೆಂಗಸರ ಜೊತೆ ಆಕೆಯನ್ನು ಈ ಶಿಬಿರದಲ್ಲಿ ಗುಂಡಿಟ್ಟು ಕೊಂದರು. ಆಗ ಅವಳಿಗೆ ಮೂವತ್ತು ವರ್ಷ. 1949ರಲ್ಲಿ ಬ್ರಿಟನ್ ಸರ್ಕಾರ ಮರಣೋತ್ತರವಾಗಿ ಜಾರ್ಜ್ ಕ್ರಾಸ್ ಪದಕ ನೀಡಿತು.

ಅದೆಷ್ಟು ಸಲ ನಿಮ್ಮನ್ನು ಶ್ರೀರಂಗಪಟ್ಟಣಕ್ಕೆ ಕರೆದೊಯ್ದು, ಟಿಪ್ಪುವಿನ ದೇಹ ಸಿಕ್ಕ ಜಾಗದಲ್ಲಿ ನಿಲ್ಲಿಸಿ, 1799 ಎಂದು ಬಾಯಿಪಾಠ ಮಾಡಿಸಿದ್ದೇನೆ! ಮರುದಿನ ಅದೇ ತರಗತಿಯಲ್ಲಿ ಹಿಟ್ಲರ್ ಬೇಕೆಂದು ಹೇಳುತ್ತಿದ್ದೆ. ಆ ಮನೆತನದ ಹೆಣ್ಣುಮಗಳೊಬ್ಬಳು ಅವನ ಶಿಬಿರದಲ್ಲಿ ಬೂದಿಯಾದದ್ದನ್ನು ತಿಳಿಯುವಷ್ಟಾದರೂ ನಾನು ಓದಿರಲಿಲ್ಲ. ಬಿ.ಎಡ್. ಮಾಡಿದವನು, ಸಮಾಜ ವಿಜ್ಞಾನದ ಮೇಷ್ಟ್ರು! ಫಲಕದ ಮುಂದೆ ಕೈಮುಗಿದೆ. ಪಕ್ಕದಲ್ಲಿದ್ದವರು ನನ್ನನ್ನು ಆಕೆಯ ಬಂಧುವೆಂದು ತಿಳಿದರೋ ಏನೋ, ತುಸು ಹಿಂದೆ ಸರಿದು ಜಾಗ ಬಿಟ್ಟರು.

ಚಪಾತಿಯನ್ನು ಬಿಚ್ಚದೆಯೇ ಮನೆಗೆ ತಂದೆ. ಸೊಸೆ ಏನೂ ಕೇಳಲಿಲ್ಲ. ಮೊಮ್ಮಗಳು ಮಾತ್ರ, "ತಾತ, ಏನೇನು ನೋಡಿದೆ?" ಎಂದಳು. ಕಥೆ ಬರೆಯುತ್ತಿದ್ದ ಒಬ್ಬ ಅತ್ತೆಯ ಹೆಸರು ನೋಡಿದೆ ಎಂದೆ. ಯಾವ ಕಥೆ ಎಂದು ಕೇಳಿದಳು. ಅದನ್ನೂ ಓದಿರಲಿಲ್ಲ ನಾನು.

ಊರಿಗೆ ಮರಳಿದ ಮೇಲೂ ಆ ಗುರುವಂದನೆಯ ಚಪ್ಪಾಳೆ ಕಿವಿಯಿಂದ ಹೋಗಲಿಲ್ಲ. ಬಹಳ ತಿಂಗಳು ಮುಂದೂಡಿ, ಕಡೆಗೆ ಮೊನ್ನೆ ಭಾನುವಾರ ಆ ಶಿಷ್ಯನಿಗೆ ಫೋನ್ ಮಾಡಿದೆ. ಹೆಸರು ಬರೆಯುವುದಿಲ್ಲ, ನಿಮ್ಮಲ್ಲಿ ಹಲವರಿಗೆ ತಿಳಿದೇ ಇದೆ. "ಅವತ್ತು ನೀನು ಮೈಕಿನಲ್ಲಿ ಹೇಳಿದೆಯಲ್ಲ, ಆ ಮಾತು ನಾನು ಆಡಬಾರದಿತ್ತು ಕಣಯ್ಯ. ತಪ್ಪು ಪಾಠ ಮಾಡಿದೆ" ಎಂದೆ. ಅವನು ಸ್ವಲ್ಪ ಹೊತ್ತು ಸುಮ್ಮನಿದ್ದ. "ಬಿಡಿ ಸಾರ್, ಮಾತಿಗೆ ಅಂದಿದ್ದು" ಎಂದ. ಮಾತಿಗೆ ಅಂದದ್ದನ್ನೇ ಅಲ್ಲವೇ ನೀನು ಮೂವತ್ತು ವರ್ಷ ಇಟ್ಟುಕೊಂಡದ್ದು ಎಂದೆ. ಮತ್ತೆ ಮೌನ. ಅಂಗಡಿಯಲ್ಲಿ ಯಾರೋ ಮೊಳೆಯ ರೇಟು ಕೇಳುತ್ತಿದ್ದದ್ದು ಕೇಳಿಸಿತು.

"ನನಗೆ ಹೇಳಿ ಏನು ಪ್ರಯೋಜನ ಸಾರ್? ಮಗ ಈ ವರ್ಷ ಎಸ್ಸೆಸ್ಸೆಲ್ಸಿ. ನನ್ನ ಮಾತು ಎಲ್ಲಿ ಕೇಳ್ತಾನೆ? ಮನೆಗೆ ಬನ್ನಿ, ನೀವೇ ಅವನಿಗೆ ಹೇಳಿ" ಎಂದ.

ಬರುವ ಭಾನುವಾರ ಬೆಳಗಿನ ಬಸ್ಸಿಗೆ ಹೋಗುತ್ತಿದ್ದೇನೆ.