ಮಾವನವರಿಗೆ ಗದಾಯುದ್ಧ ಓದಿದ್ದು

ಯುವ ವಿಭಾಗದ ಪುಟಕ್ಕೆ ಏನಾದರೂ ಬರೆದುಕೊಡಿ ಎಂದು ಸಂಪಾದಕರು ಕೇಳಿದಾಗ ಮೊದಲು ಹಿಂಜರಿದೆ. ನಾನು ಲೇಖಕಿಯಲ್ಲ. ಅಡುಗೆಮನೆ, ಮಕ್ಕಳ ಶಾಲೆ, ಅತ್ತೆ-ಮಾವಂದಿರ ಔಷಧೋಪಚಾರ, ಹಬ್ಬ-ಹುಣ್ಣಿಮೆ ಇವುಗಳಲ್ಲೇ ಮೂವತ್ತು ವರ್ಷ ಕಳೆದವಳು. ಆದರೆ ಕಳೆದ ರಾಜ್ಯೋತ್ಸವದ ದಿನ ಊಟದ ಸಾಲಿನಲ್ಲಿ ನಿಂತಿದ್ದಾಗ ನಿಮ್ಮಲ್ಲೊಬ್ಬ ಹುಡುಗ ಕೇಳಿದ ಪ್ರಶ್ನೆ ಮನಸ್ಸಿನಲ್ಲಿ ಉಳಿದುಬಿಟ್ಟಿತ್ತು. "ಆಂಟೀ, ಸಾವಿರ ವರ್ಷದ ಹಿಂದಿನ ಕವಿಯನ್ನು ಈಗ ಯಾಕೆ ಓದಬೇಕು? ಅದು ಸಾಲದೆಂದು ಆ ಕವಿಯ ಬಗ್ಗೆ ಬೇರೆಯವರು ಬರೆದದ್ದನ್ನೂ ಯಾಕೆ ಓದಬೇಕು?" ಕೈಯಲ್ಲಿ ತಟ್ಟೆ ಹಿಡಿದು ನಿಂತಿದ್ದೆ, ಉತ್ತರ ಹೊಳೆಯಲಿಲ್ಲ. ತಡವಾದರೂ ಈಗ ಹೇಳುತ್ತೇನೆ.

ನಾನು ಓದಿದ್ದು ಧಾರವಾಡದಲ್ಲಿ. 1991ರಲ್ಲಿ ಇಂಗ್ಲಿಷ್ ಮುಖ್ಯ ವಿಷಯವಾಗಿ ಬಿ.ಎ. ಆಯಿತು. ಓದಿದೆ ಎಂದರೆ ತಪ್ಪಾದೀತು, ಬಾಯಿಪಾಠ ಮಾಡಿದೆ. ಶೇಕ್ಸ್‌ಪಿಯರನ 'ಕಿಂಗ್ ಲಿಯರ್' ನಮಗೆ ಪಠ್ಯವಾಗಿತ್ತು. ನಾಟಕವನ್ನು ಪೂರ್ತಿ ಓದಿದವರು ತರಗತಿಯಲ್ಲಿ ನಾಲ್ಕೈದು ಜನ ಇದ್ದರೇನೋ. ಉಳಿದ ನಾವೆಲ್ಲ ಗೈಡಿನ ಭಕ್ತರು. ಬ್ರ್ಯಾಡ್ಲೆ ಎಂಬ ವಿದ್ವಾಂಸ 1904ರಲ್ಲಿ ಶೇಕ್ಸ್‌ಪಿಯರನ ದುರಂತ ನಾಟಕಗಳ ಮೇಲೆ ಒಂದು ಹೆಸರಾಂತ ಪುಸ್ತಕ ಬರೆದಿದ್ದಾನೆ. ಅದರ ಮಾತುಗಳನ್ನು ಗೈಡಿನವರು ಕತ್ತರಿಸಿ ಅಂಟಿಸಿದ್ದರು, ನಾವು ಗೈಡಿನಿಂದ ಕತ್ತರಿಸಿ ಉತ್ತರಪತ್ರಿಕೆಗೆ ಅಂಟಿಸಿದೆವು. ಸತ್ತ ಮಗಳನ್ನು ತೋಳಿನಲ್ಲಿ ಎತ್ತಿಕೊಂಡು ಬರುವ ಆ ಮುದಿ ದೊರೆಯ ಬಗ್ಗೆ ಇಪ್ಪತ್ತು ಅಂಕದ ಉತ್ತರ ಬರೆದೆ. ಹದಿನಾಲ್ಕು ಬಂತು. ಕಣ್ಣಲ್ಲಿ ಒಂದು ಹನಿ ನೀರು ಬಂದದ್ದು ನೆನಪಿಲ್ಲ.

1993ರಲ್ಲಿ ಮದುವೆಯಾಗಿ ಅಂಬರನಾಥಕ್ಕೆ ಬಂದೆ. ನಮ್ಮ ಮಾವನವರು ಮುಧೋಳದ ಹತ್ತಿರದ ಹಳ್ಳಿಯವರು. 1959ರಲ್ಲಿ ಇಲ್ಲಿಗೆ ಬಂದು ಕಾರ್ಖಾನೆಯಲ್ಲಿ ಫಿಟ್ಟರ್ ಕೆಲಸಕ್ಕೆ ಸೇರಿದವರು. ಓದಿದ್ದು ಮುಲ್ಕಿ ಪರೀಕ್ಷೆಯವರೆಗೆ ಮಾತ್ರ. ಆದರೆ ಅವರ ಟ್ರಂಕಿನಲ್ಲಿ ಖಾಕಿ ಕಾಗದದ ಹೊದಿಕೆ ಹಾಕಿದ ಒಂದು ಪುಸ್ತಕವಿತ್ತು: ತೀ.ನಂ. ಶ್ರೀಕಂಠಯ್ಯನವರ 'ಗದಾಯುದ್ಧ ಸಂಗ್ರಹಂ'. ರನ್ನ ಕವಿ ಹುಟ್ಟಿದ್ದು ಮುಧೋಳದಲ್ಲಿ, ಬಳೆಗಾರರ ಮನೆಯಲ್ಲಿ. ಮಾವನವರು ರನ್ನನ ಹೆಸರನ್ನು ಪಕ್ಕದ ಓಣಿಯವನ ಹೆಸರಿನಂತೆ ಹೇಳುತ್ತಿದ್ದರು. "ನಮ್ಮ ರನ್ನ" ಎಂದೇ ಅವರ ಮಾತು.

2008ರ ಹೊತ್ತಿಗೆ ಕಣ್ಣಿನ ನರ ಸೋತು ಅವರಿಗೆ ಅಕ್ಷರ ಕಾಣದಾಯಿತು. ಒಂದು ಮಧ್ಯಾಹ್ನ ಪುಸ್ತಕ ತಂದು ನನ್ನ ಮುಂದಿಟ್ಟು, "ಬಿ.ಎ. ಮಾಡೀಯಲ್ಲವ್ವಾ, ಇದನ್ನ ಒಂದೀಟು ಓದು" ಎಂದರು. ಓದಲು ಹೋದರೆ ನಾಲಿಗೆ ಹೊರಳದು. ಹಳಗನ್ನಡದಲ್ಲಿ ಪದಗಳು ಒಂದಕ್ಕೊಂದು ಹೆಣೆದುಕೊಂಡಿರುತ್ತವೆ, ಎಲ್ಲಿ ಬಿಡಿಸಬೇಕೋ ತಿಳಿಯದೆ ಎರಡನೆಯ ಸಾಲಿಗೇ ನಿಂತೆ. ಮಾವನವರು ಏನೂ ಅನ್ನಲಿಲ್ಲ. ಬಾಯಲ್ಲೇ ಮುಂದಿನ ಸಾಲು ಹೇಳಿ, ಎಲ್ಲಿ ಉಸಿರು ನಿಲ್ಲಿಸಬೇಕೆಂದು ತೋರಿಸಿದರು. ಫಿಟ್ಟರ್ ಮಾವ ಗುರುಗಳು, ಬಿ.ಎ. ಸೊಸೆ ಶಿಷ್ಯೆ. ಹೀಗೆ ನಮ್ಮ ಪಾಠ ಶುರುವಾಯಿತು. ದಿನಕ್ಕೆ ಎರಡೋ ಮೂರೋ ಪದ್ಯ, ಅಷ್ಟೆ.

ಕತೆ ನಿಮಗೆ ಗೊತ್ತು. ಭೀಮ-ದುರ್ಯೋಧನರ ಗದಾಯುದ್ಧ, ಮಹಾಭಾರತದ ಕೊನೆಯ ದಿನ. ಹಿಂದಿನ ಕವಿ ಪಂಪ ಇದನ್ನು ತನ್ನ ಭಾರತದ ಹದಿಮೂರನೆಯ ಆಶ್ವಾಸದಲ್ಲಿ ಹೇಳಿ ಮುಗಿಸಿದ್ದ. ರನ್ನ ಅದೊಂದನ್ನೇ ತೆಗೆದುಕೊಂಡು ಹತ್ತು ಆಶ್ವಾಸಗಳ ಕಾವ್ಯ ಮಾಡಿದ. ಎಲ್ಲರನ್ನೂ ಕಳೆದುಕೊಂಡ ದುರ್ಯೋಧನ ಸಂಜಯನ ಜೊತೆ ರಣರಂಗದಲ್ಲಿ ನಡೆಯುತ್ತಾನೆ. ಹೆಣಗಳ ನಡುವೆ ಗುರು ದ್ರೋಣರನ್ನು ಕಾಣುತ್ತಾನೆ. ಶತ್ರುವಿನ ಮಗನಾದ ಅಭಿಮನ್ಯುವನ್ನು ಕಂಡು ಅವನ ಪರಾಕ್ರಮಕ್ಕೆ ಕೈಮುಗಿಯುತ್ತಾನೆ. ತಮ್ಮ ದುಶ್ಶಾಸನನನ್ನು, ಗೆಳೆಯ ಕರ್ಣನನ್ನು, ಮಗ ಲಕ್ಷಣಕುಮಾರನನ್ನು ಕಾಣುತ್ತಾನೆ.

ಆ ಮಗನನ್ನು ಕಾಣುವ ಜಾಗ ಬಂದ ದಿನ ನಡೆದದ್ದನ್ನು ಹೇಳಬೇಕು. ಮಗ ತಂದೆಗೆ ತರ್ಪಣ ಬಿಡುವುದು ಲೋಕದ ಕ್ರಮ, ನೀನು ಆ ಕ್ರಮವನ್ನೇ ತಿರುವುಮುರುವು ಮಾಡಿದೆಯಲ್ಲ ಎಂಬ ಅರ್ಥದಲ್ಲಿ ದುರ್ಯೋಧನ ಸತ್ತ ಮಗನೊಡನೆ ಮಾತಾಡುತ್ತಾನೆ. ನಾನು ಪದ ಬಿಡಿಸುವ ಸಂಭ್ರಮದಲ್ಲಿದ್ದೆ, ತಪ್ಪಿಲ್ಲದೆ ಓದಿದೆನೆಂದು ತಲೆ ಎತ್ತಿದೆ. ಮಾವನವರು ಗೋಡೆಯ ಕಡೆ ಮುಖ ಮಾಡಿ ಕೂತಿದ್ದರು. "ಸಾಕವ್ವ ಇವತ್ತಿಗೆ" ಎಂದರು.

ಗೋಡೆಯ ಮೇಲೆ ನನ್ನ ಭಾವನವರ ಫೋಟೋ ಇತ್ತು. ಹಿರಿಯ ಮಗ. 1983ರಲ್ಲಿ ಕಾಮಾಲೆಯಾಗಿ, ಇಪ್ಪತ್ತೆರಡನೆಯ ವಯಸ್ಸಿಗೆ ತೀರಿಕೊಂಡವರು. ನಾನು ಆ ಮನೆಗೆ ಬಂದು ಹದಿನೈದು ವರ್ಷವಾಗಿದ್ದರೂ ಮಾವನವರು ಒಮ್ಮೆಯೂ ಅವರ ಹೆಸರೆತ್ತಿದ್ದನ್ನು ಕೇಳಿರಲಿಲ್ಲ. ದಿನವೂ ಫೋಟೋ ಒರೆಸುತ್ತಿದ್ದವಳು ನಾನೇ, ಆದರೂ ನನಗೆ ತಿಳಿದಿರಲಿಲ್ಲ. ಮರುದಿನ ಅವರೇ ಪುಸ್ತಕ ತಂದು, "ನಿನ್ನೆಯದೇ ಮತ್ತೊಮ್ಮೆ ಓದು" ಎಂದರು. ಓದಿದೆ. ಆಮೇಲೆ ಮೆಲ್ಲಗೆ, ಆ ಮಗ ಸೈಕಲ್ ಕಲಿತದ್ದು, ಇಲ್ಲಿಂದ ಕಲ್ಯಾಣದ ಕಾಲೇಜಿಗೆ ಹೋಗುತ್ತಿದ್ದುದು, ಎಲ್ಲ ಹೇಳಿದರು. ಇಪ್ಪತ್ತೈದು ವರ್ಷ ಬಾಯಿಗೆ ಬಾರದಿದ್ದ ಮಾತಿಗೆ ರನ್ನ ದಾರಿ ಮಾಡಿಕೊಟ್ಟಿದ್ದ. ಆ ರಾತ್ರಿ ನನಗೆ ಲಿಯರ್ ದೊರೆಯ ನೆನಪಾಯಿತು. ಧಾರವಾಡದಲ್ಲಿ ಬರೆದ ಉತ್ತರದ ಅರ್ಥ ಅಂಬರನಾಥದಲ್ಲಿ ತಿಳಿಯಿತು.

ಇದು ನಿಮ್ಮ ಮೊದಲ ಪ್ರಶ್ನೆಗೆ ಉತ್ತರ. ಇನ್ನು ಎರಡನೆಯದು, ಕವಿಯ ಬಗ್ಗೆ ಬೇರೆಯವರು ಬರೆದದ್ದನ್ನು ಯಾಕೆ ಓದಬೇಕು ಎಂಬುದು.

ನನ್ನ ಮಗಳು ಆಗ ಹತ್ತನೆಯ ತರಗತಿ. ಇಂಗ್ಲಿಷ್ ಮಾಧ್ಯಮ, ಬೀದಿಯಲ್ಲಿ ಮರಾಠಿ, ಮನೆಯಲ್ಲಿ ಕನ್ನಡ. ನಿಮ್ಮೆಲ್ಲರ ಹಾಗೆಯೇ. ನಮ್ಮ ಓದನ್ನು ಕೇಳುತ್ತ ಕೂತು ಒಂದು ದಿನ ಕೇಳಿದಳು: "ಅಜ್ಜಾ, ದ್ರೌಪದಿಯನ್ನು ಸಭೆಗೆ ಎಳೆಸಿದವನು ಇವನೇ ಅಲ್ಲವಾ? ಇವನಿಗೋಸ್ಕರ ಯಾಕೆ ಅಳಬೇಕು?" ಮಾವನವರಿಗೆ ಸಿಟ್ಟು ಬಂತು. "ನಿಮಗೇನು ತಿಳೀತದ" ಎಂದು ಎದ್ದು ಹೋದರು. ಮಗಳ ಪ್ರಶ್ನೆ ಸರಿಯಾಗಿಯೇ ಇತ್ತು. ಉತ್ತರ ಹುಡುಕುವ ಕೆಲಸ ನನ್ನ ಪಾಲಿಗೆ ಬಂತು.

ಮುಂಬಯಿಗೆ ಹೋದಾಗಲೆಲ್ಲ ಪುಸ್ತಕ ಹುಡುಕಿದೆ, ತವರಿನಿಂದ ಕೆಲವನ್ನು ತರಿಸಿದೆ. ಆಗ ತಿಳಿದದ್ದಿಷ್ಟು. ಈ ಕಾವ್ಯಕ್ಕೆ ಇನ್ನೊಂದು ಹೆಸರು 'ಸಾಹಸಭೀಮ ವಿಜಯ'. ರನ್ನನಿಗೆ ಆಶ್ರಯ ಕೊಟ್ಟವರು ಚಾಲುಕ್ಯರು. ದೊರೆ ಸತ್ಯಾಶ್ರಯ ಇರಿವಬೆಡಂಗನನ್ನು ಕವಿ ಭೀಮನಿಗೆ ಹೋಲಿಸಿದ್ದಾನೆ. ಅಂದರೆ ಲೆಕ್ಕದ ಪ್ರಕಾರ ನಾಯಕ ಭೀಮ, ಪಟ್ಟಾಭಿಷೇಕವೂ ಭೀಮನಿಗೇ. ಓದುವವರ ಮನಸ್ಸು ಮಾತ್ರ ದುರ್ಯೋಧನನ ಹಿಂದೆ ಹೋಗುತ್ತದೆ. ಹಾಗಾದರೆ ಈ ಕಾವ್ಯದ ನಾಯಕ ಯಾರು? ಪಂಡಿತರು ಈ ಪ್ರಶ್ನೆಯ ಮೇಲೆ ಬಹಳ ವಾದ ಮಾಡಿದ್ದಾರೆ. ಬಿ.ಎಂ. ಶ್ರೀಕಂಠಯ್ಯನವರು ಇಂಗ್ಲಿಷ್ ಪ್ರಾಧ್ಯಾಪಕರು. 1911ರಲ್ಲಿ ನಮ್ಮ ಧಾರವಾಡದ ವಿದ್ಯಾವರ್ಧಕ ಸಂಘದಲ್ಲಿ ಕನ್ನಡ ತಲೆಯೆತ್ತುವ ಬಗೆಯ ಕುರಿತು ಭಾಷಣ ಮಾಡಿದವರು. ಗ್ರೀಕರ ದುರಂತ ನಾಟಕಗಳನ್ನು ಅರಗಿಸಿಕೊಂಡ ಅವರು ರನ್ನನ ಕಾವ್ಯವನ್ನು 1926ರಲ್ಲಿ 'ಗದಾಯುದ್ಧ ನಾಟಕಂ' ಎಂದು ರಂಗಕ್ಕೆ ತಂದು, ದುರ್ಯೋಧನನನ್ನು ದುರಂತ ನಾಯಕನಾಗಿ ತೋರಿಸಿದರು. ಇಂಗ್ಲಿಷ್ ಓದಿದವರು ಕನ್ನಡಕ್ಕೆ ಮರಳಿ ಬಂದು ಹೀಗೂ ಕೆಲಸ ಮಾಡಬಹುದು ಎಂದು ತಿಳಿದು, ನನ್ನ ಗೈಡಿನ ಬಿ.ಎ. ನೆನೆದು ನಾಚಿಕೆಯಾಯಿತು.

ಆದರೆ ದುರ್ಯೋಧನನನ್ನು ಒಳ್ಳೆಯವನೆಂದು ಒಪ್ಪಿಬಿಡುವುದೂ ಸರಿಯಲ್ಲವೆಂದು ಅದೇ ಓದು ಹೇಳಿತು. ರನ್ನ ಕತೆಯ ಆರಂಭದಲ್ಲೇ ದ್ರೌಪದಿಯನ್ನು ಭೀಮನ ಮುಂದೆ ನಿಲ್ಲಿಸಿ ಅವಳ ಅಪಮಾನವನ್ನು ನೆನಪಿಸಿದ್ದಾನೆ. ಇದನ್ನು ಮಾವನವರಿಗೆ ಹೇಳಿದೆ. ಸ್ವಲ್ಪ ಹೊತ್ತು ಸುಮ್ಮನಿದ್ದು, ಮೊಮ್ಮಗಳನ್ನು ಕರೆದು, "ನೀ ಹೇಳಿದ್ದು ಖರೆ ಅದ. ಅಂವ ತಪ್ಪು ಮಾಡಿದವನೇ. ತಪ್ಪು ಮಾಡಿದವನಿಗೂ ಮಗ ಸತ್ತರ ಸಂಕಟ ಆಗೂದಿಲ್ಲೇನು?" ಎಂದರು. ಮಗಳು ಒಪ್ಪಿದಳು. ಅಜ್ಜ-ಮೊಮ್ಮಗಳ ರಾಜಿಯಾಯಿತು. ವಿಮರ್ಶೆ ಎಂದರೆ ಹೆಣ ಕೊಯ್ಯುವ ಕೆಲಸ ಎನ್ನುತ್ತಿದ್ದ ಮಾವನವರು ಆಮೇಲೆ ತಾವೇ "ಇದಕ್ಕ ಪಂಡಿತರು ಏನಂತಾರ?" ಎಂದು ಕೇಳತೊಡಗಿದರು.

ಇನ್ನೊಂದು ತಮಾಷೆ ಹೇಳುತ್ತೇನೆ. ಗದಾಯುದ್ಧದ ಕಾಲ 982 ಎಂದು ಹಲವರು ಹೇಳುತ್ತಾರೆ, ಅದಕ್ಕಿಂತ ಈಚಿನದೆಂದು ವಾದಿಸುವವರೂ ಇದ್ದಾರೆ. ನಮ್ಮ ವಾಲಧುನಿ ದಂಡೆಯ ಅಂಬರನಾಥ ದೇವಾಲಯದ ಶಾಸನದಲ್ಲಿ ಇರುವುದೂ 982. "ಅಮ್ಮಾ, ಎರಡೂ ಒಂದೇ ವರ್ಷ!" ಎಂದು ಮಗಳು ಕುಣಿದಳು. ನಾನೂ ಎರಡು ದಿನ ಎಲ್ಲರಿಗೂ ಹೇಳಿಕೊಂಡು ತಿರುಗಿದೆ. ಆಮೇಲೆ ನೋಡಿದರೆ ಶಾಸನದ್ದು ಶಕ ವರ್ಷ. ಎಪ್ಪತ್ತೆಂಟು ಕೂಡಿಸಿದರೆ ಕ್ರಿ.ಶ. 1060, ಶಿಲಾಹಾರರ ಕಾಲ. ಆ ಶಾಸನವನ್ನೂ ಮೊದಲು 782 ಎಂದು ಓದಿ, ಬಳಿಕ 982 ಎಂದು ತಿದ್ದಿದ್ದಾರೆ. ಒಂದು ಅಂಕೆ ತಪ್ಪಿದರೆ ಇನ್ನೂರು ವರ್ಷ ಹಿಂದು-ಮುಂದು. ಹೆಮ್ಮೆಯ ಭರದಲ್ಲಿ ನಾವು ಎಡವುವ ಕಡೆ ಕೈಹಿಡಿದು ನಿಲ್ಲಿಸುವುದೇ ವಿದ್ವಾಂಸರ ಕೆಲಸ. ವಾಟ್ಸಾಪಿನಲ್ಲಿ ಬಂದದ್ದನ್ನೆಲ್ಲ ನಂಬುವ ಈ ದಿನಗಳಲ್ಲಿ ಇದು ನನಗೂ ನಿಮಗೂ ಬೇಕಾದ ಅಭ್ಯಾಸ.

ಎರಡು ವರ್ಷ ಓದು ನಡೆಯಿತು. ಸಂಗ್ರಹ ಮುಗಿದ ಮೇಲೆ ಪೂರ್ಣ ಕಾವ್ಯವನ್ನೇ ತರಿಸಿದೆವು. ದುರ್ಯೋಧನ ತೊಡೆ ಮುರಿದು ಬಿದ್ದ ಭಾಗ ಮುಗಿದಾಗ ಮಾವನವರು, "ಮುಂದಿನದು ಬ್ಯಾಡ ಬಿಡು" ಎಂದರು. ಭೀಮನ ಪಟ್ಟಾಭಿಷೇಕ ಅವರಿಗೆ ಬೇಕಿರಲಿಲ್ಲ. 2011ರಲ್ಲಿ ಅವರು ತೀರಿಕೊಂಡರು. ಕ್ರಿಯಾಕರ್ಮಗಳು ಮುಗಿದು ಬಂದವರೆಲ್ಲ ಹೋದ ಮೇಲೆ ಉಳಿದ ಪದ್ಯಗಳನ್ನು ನಾನೊಬ್ಬಳೇ ಓದಿದೆ. ಅನ್ನ ಕೊಟ್ಟ ದೊರೆಗೆ ಕವಿ ಸಲ್ಲಿಸಬೇಕಾದ ಋಣ ಅಲ್ಲಿದೆ. ಮನಸ್ಸಿನ ಋಣವನ್ನು ರಣರಂಗದ ನಡಿಗೆಯಲ್ಲಿ ತೀರಿಸಿದ್ದ ಎಂದು ನನ್ನ ಎಣಿಕೆ. ನನ್ನ ಈ ಮಾತು ತಪ್ಪಿರಬಹುದು, ಓದಿ ನೀವೇ ತೀರ್ಮಾನಿಸಿ. ನನಗೆ ಬೇಕಾದದ್ದೂ ಅದೇ.

ಹಳಗನ್ನಡ ಕಷ್ಟ, ನಮಗೆ ಕನ್ನಡ ಓದಲೇ ಬಾರದು ಎನ್ನುವವರಿದ್ದೀರಿ. ಗಣಿತ, ಕಂಪ್ಯೂಟರ್ ಕಲಿತವರಿಗೆ ಐವತ್ತು ಅಕ್ಷರ ಎಷ್ಟರ ಮಾತು? ದಿನಕ್ಕೆ ಹತ್ತು ನಿಮಿಷ ಸಾಕು. ಡೊಂಬಿವಲಿಯಿಂದ ಠಾಣೆಯವರೆಗಿನ ಗಾಡಿ ಪ್ರಯಾಣಕ್ಕಿಂತ ಕಡಿಮೆ. ಅರ್ಥ, ಟಿಪ್ಪಣಿ ಇರುವ ಸಂಗ್ರಹದಿಂದ ಶುರುಮಾಡಿ. ಮನೆಯ ಹಿರಿಯರ ಬಾಯಿಂದ ಒಮ್ಮೆ ಓದಿಸಿ ಕೇಳಿ. ಮುಂದೆ ಹೆಚ್ಚು ಓದಬೇಕೆನಿಸಿದರೆ ಮುಂಬಯಿ ವಿಶ್ವವಿದ್ಯಾಲಯದಲ್ಲಿ ಕನ್ನಡ ವಿಭಾಗವಿದೆ, ಮಾಟುಂಗಾದ ಕಡೆ ನಮ್ಮ ಹಳೆಯ ಸಂಘಗಳಿವೆ. ರನ್ನನಿಗೆ 'ಅಜಿತಪುರಾಣ' ಬರೆಸಿದ ಅತ್ತಿಮಬ್ಬೆ ಪೊನ್ನನ 'ಶಾಂತಿಪುರಾಣ'ಕ್ಕೆ ಸಾವಿರ ಪ್ರತಿ ಮಾಡಿಸಿ ಹಂಚಿದಳಂತೆ. ಎಲ್ಲವನ್ನೂ ಕೈಯಲ್ಲೇ ಬರೆಯಬೇಕಿದ್ದ ಕಾಲ ಅದು. ನಾವು ಒಂದು ಪ್ರತಿ ತೆರೆದು ನೋಡಿದರೆ ಸಾಕು.

ಮಗಳು ಈಗ ನವಿ ಮುಂಬಯಿಯಲ್ಲಿ ಕೆಲಸದಲ್ಲಿದ್ದಾಳೆ. ಖಾಕಿ ಹೊದಿಕೆಯ ಪುಸ್ತಕ ಅವಳ ಬಳಿಯೇ ಇದೆ. ಲಕ್ಷಣಕುಮಾರನ ಪದ್ಯವಿರುವ ಪುಟದಲ್ಲಿ ಮಾವನವರು ಇಟ್ಟಿದ್ದ ಹಳೆಯ ರೈಲು ಪಾಸು ಹಾಗೆಯೇ ಇದೆ. ಊಟದ ಸಾಲಿನಲ್ಲಿ ಪ್ರಶ್ನೆ ಕೇಳಿದ ಹುಡುಗ ಇದನ್ನು ಓದುತ್ತಿದ್ದರೆ ಒಂದು ಭಾನುವಾರ ನಮ್ಮ ಮನೆಗೆ ಬರಲಿ. ಮೊದಲ ಪದ್ಯದ ಪದ ನಾನು ಬಿಡಿಸಿಕೊಡುತ್ತೇನೆ.